ಮುದಕವ್ವನ ಬಿಳಿ ಮಾರಿ

ಬಿಸಿಲಿಗೆ ಹೋದರೆ ಮುಖ ಉರಿಯುತ್ತದೆ. ಇದರಲ್ಲಿ ಹೇಳುವುದೇನಿದೆ, ಎಲ್ಲರ ಮುಖವೂ ಉರಿಯುತ್ತದೆ, ಮನೆಗೆ ಬಂದು ತಣ್ಣೀರು ಚಿಮುಕಿಸಿಕೊಂಡರೆ ಮುಗಿಯಿತು ಎನ್ನುತ್ತೀರಿ. ಮೂಡಲಗಿಯ ಪಲ್ಯದ ಪೇಟೆಯಲ್ಲಿ ಕೂರುವ ಮುದಕವ್ವನೂ ಹಾಗೇ ಅಂದುಕೊಂಡಿದ್ದಳು. ಆದರೆ ಅವಳ ಉರಿ ತಣ್ಣೀರಿಗೆ ಹೋಗಲಿಲ್ಲ. ಕೆನ್ನೆ, ಮೂಗು, ಮುಂಗೈ ಎಲ್ಲಾ ಕೆಂಪಾಗಿ ದದ್ದುಗಳು ಎದ್ದವು. ರಾತ್ರಿ ಕಡಿತ, ಬೆಳಿಗ್ಗೆ ಸಿಪ್ಪೆ ಸುಲಿದಂತೆ ಚರ್ಮ ಏಳುವುದು, ಮತ್ತೆ ಬಿಸಿಲು, ಮತ್ತೆ ಉರಿ.

ಮುದಕವ್ವ ಸೊಪ್ಪು ಮಾರುವವಳು. ಮೆಂತೆ, ರಾಜಗಿರಿ, ಪುಂಡಿ, ಸಬ್ಬಸಿಗೆ, ಆಯಾ ಕಾಲಕ್ಕೆ ಹೊಲದಲ್ಲಿ ಏನಿರುತ್ತದೋ ಅದು. ಗಂಡ ತೀರಿಹೋದ ವರ್ಷ ಕಮಲಾಬಾಯಿಯ ಅಂಗಡಿ ಕಟ್ಟೆಯ ಮುಂದೆ ಬುಟ್ಟಿ ಇಟ್ಟು ಕೂತಳು. ಕೂತವಳು ಕೂತೇ ಇದ್ದಾಳೆ, ಈಗ ತಲೆಯೆಲ್ಲಾ ಬೆಳ್ಳಗೆ. ಕಮಲಾಬಾಯಿಯೂ ಗಂಡನನ್ನು ಕಳೆದುಕೊಂಡವಳೇ. ಒಬ್ಬಳು ಕಟ್ಟೆಯ ಮೇಲೆ, ಒಬ್ಬಳು ಕಟ್ಟೆಯ ಕೆಳಗೆ, ದಿನಾ ಮಾತು. ಏನು ಮಾತು ಅಂತ ಕೇಳಬೇಡಿ, ಮುಗಿಯುವ ಮಾತಲ್ಲ.

ಮೊದಲು ಮುದಕವ್ವನ ತಲೆಯ ಮೇಲೆ ಒಂದು ದೊಡ್ಡ ಬೇವಿನ ಮರವಿತ್ತು. ರಸ್ತೆ ಅಗಲ ಮಾಡುವಾಗ ಮರ ಹೋಯಿತು. ಮುಖದ ಉರಿ ಶುರುವಾದದ್ದು ಆಮೇಲೆಯೇ.

ಅವಳು ಸುಮ್ಮನಿರಲಿಲ್ಲ. ಅರಿಶಿನ ಹಚ್ಚಿದಳು. ಯಾರೋ ಹೇಳಿದರೆಂದು ಲಿಂಬೆರಸ ಸವರಿಕೊಂಡು ಬಿಸಿಲಲ್ಲಿ ಕೂತಳು, ಅದು ಇನ್ನೂ ಕೆಟ್ಟಿತು. ಕೊನೆಗೆ ಮಗ ಪರಶುರಾಮ ಗೋಕಾಕಿನ ಚರ್ಮದ ಡಾಕ್ಟರ ಹತ್ತಿರ ಕರೆದೊಯ್ದ.

ಡಾಕ್ಟರು ನೋಡಿ ಹೇಳಿದರು, "ನಿಮ್ಮ ಚರ್ಮಕ್ಕ ಬಿಸಲ ತಡಿಯಾಕ ಆಗವಲ್ದು ಆಯಿ. ಮ್ಯಾಲೆ ಒಣಗಿ ಒಡದೈತಿ. ಉರಿಗೆ ಗುಳಿಗಿ ಕೊಡ್ತೇನಿ. ದಿನಾ ಮುಂಜಾನೆ ಮೊದಲ ಲೋಷನ್, ಅದರ ಮ್ಯಾಲೆ ಬಿಸಲ ತಡಿಯೋ ಮುಲಾಮು, ಎರಡೂ ತಪ್ಪದ ಹಚ್ಚಬೇಕ."

ಲೋಷನ್ ಅಂದರೆ ಮಾಯಿಶ್ಚರೈಸರ್, ಚರ್ಮದ ಹಸಿ ಆರದಂತೆ ಕಾಯುವುದು. ಬಿಸಿಲು ತಡೆಯುವ ಮುಲಾಮು ಅಂದರೆ ಸನ್‌ಸ್ಕ್ರೀನ್. ಎರಡೂ ಕಮಲಾಬಾಯಿಯ ಅಂಗಡಿಯಲ್ಲೇ ಸಿಕ್ಕವು. ಆ ಅಂಗಡಿಯ ಅರ್ಧ ಕಿರಾಣಿ, ಅರ್ಧ ಔಷಧ. ಔಷಧದ ಕಡೆ ಕೂರುವವಳು ಕಮಲಾಬಾಯಿಯ ಸೊಸೆ ಆರತಿ, ಔಷಧದ ಓದು ಓದಿದ ಹುಡುಗಿ.

ಅಂದು ಮನೆಗೆ ಹೋಗುವಾಗ ಪರಶುರಾಮ ಒಂದು ಮಾತು ಹೇಳಿಬಿಟ್ಟ.

"ಯವ್ವಾ, ಯುಗಾದಿ ಮಟಾ ನೋಡೋಣು. ಕಡಿಮಿ ಆತಂದ್ರ ಚಲೋ. ಇಲ್ಲಂದ್ರ ಪ್ಯಾಟಿ ಬಂದ್. ಮನ್ಯಾಗ ತಣ್ಣಗ ಕುಂದ್ರ."

"ಮನ್ಯಾಗ ಕುಂತ ಯಾರನ್ನ ಬೈಲಿ? ನಿನ್ನ ಹೇಣ್ತಿ ಬೈಸ್ಕೊಳ್ಳೋ ಪೈಕಿ ಅಲ್ಲ, ಎಲ್ಲಾ ಕೆಲಸಾ ನೆಟ್ಟಗ ಮಾಡ್ತಾಳ."

ಮಗ ನಕ್ಕ. ಆದರೆ ಮಾತು ಹಿಂದೆ ತೆಗೆದುಕೊಳ್ಳಲಿಲ್ಲ. ತಾಯಿ ರಾತ್ರಿಯೆಲ್ಲಾ ಮುಖ ಕೆರೆದುಕೊಳ್ಳುವುದನ್ನು ಅವನಿಗೆ ನೋಡಲಾಗುತ್ತಿರಲಿಲ್ಲ. ಮುದಕವ್ವನಿಗೋ, ಪೇಟೆ ಬಿಟ್ಟರೆ ಕಮಲಾಬಾಯಿ ಇಲ್ಲ, ಗಿರಾಕಿಗಳ ಜಗಳ ಇಲ್ಲ, ಹೆಸರು ಹಿಡಿದು ಕರೆಯುವವರಿಲ್ಲ. ಪೇಟೆಯಲ್ಲಿ ಜಾಗ ಕೆಲವು ದಿನ ಖಾಲಿ ಇದ್ದರೆ ಇನ್ನೊಬ್ಬರ ಬುಟ್ಟಿ ಬಂದು ಕೂರುತ್ತದೆ, ಆಮೇಲೆ ಏಳುವುದಿಲ್ಲ.

ಮರುದಿನದಿಂದ ಪರಶುರಾಮನ ಹೆಂಡತಿ ಮಾಯಾ ಅತ್ತೆಯ ಉಪಚಾರಕ್ಕೆ ನಿಂತಳು. ಜಳಕ ಆದ ಕೂಡಲೇ ಅತ್ತೆಯನ್ನು ಬಾಗಿಲಲ್ಲಿ ಕೂರಿಸಿ, ಗಲ್ಲ ಹಿಡಿದು, ಮೊದಲು ಲೋಷನ್, ಅದು ಇಂಗಿದ ಮೇಲೆ ಸನ್‌ಸ್ಕ್ರೀನ್. ಮುದಕವ್ವ ಕಣ್ಣು ಮುಚ್ಚಿ ಕೂರುವಳು. ಮುಖ ಬೆಳ್ಳಗಾಗುವುದು. ಮೇಲೆ ದಿನದಂತೆ ತಾನೇ ವಿಭೂತಿ ಹಚ್ಚಿಕೊಂಡು, ಬುಟ್ಟಿ ಹೊತ್ತು ಟೆಂಪೊ ಹತ್ತುವಳು.

ವಾರ ಹೋಯಿತು, ಇನ್ನೊಂದು ವಾರ ಹೋಯಿತು. ಮುಖ ಹಾಗೇ ಕೆಂಪು. ಮಾಯಾಳಿಗೆ ಅಳುವೇ ಬಂತು.

"ಅತ್ತಿ, ನಾ ಹಚ್ಚೋದ್ರಾಗ ಏನರೆ ತಪ್ಪ ಐತೇನು?"

"ನಿಂದೇನ ತಪ್ಪ ಇಲ್ಲ ಬಿಡ ನನ್ನವ್ವ. ನನ್ನ ತೊಗಲ ಹಳೇದ, ಔಷಧ ಹತ್ತವಲ್ದು."

ಯುಗಾದಿ ದೂರವಿರಲಿಲ್ಲ. ಪರಶುರಾಮ ಕಾಯಲೂ ಇಲ್ಲ. "ಸಾಕ ಯವ್ವಾ. ನಾಳೆ ಹೋಗಿ ಎಲ್ಲಾರಿಗೂ ಹೇಳಿ ಬಂದ್ಬಿಡ" ಅಂದ.

ಮರುದಿನ ಮುದಕವ್ವನ ಜೊತೆ ಮಾಯಾಳೂ ಬಂದಳು, ಅತ್ತೆ ಒಬ್ಬಳೇ ಹೇಳಿ ಬರುವುದು ಬೇಡವೆಂದು. ಬಾಜೂಕ್ಕೆ ಮೆಣಸಿನಕಾಯಿ ಮಾರುವ ಸತ್ತೆವ್ವನಿಗೆ ಸುದ್ದಿ ಗೊತ್ತಾಯಿತು. ಸತ್ತೆವ್ವ ಕೆಟ್ಟವಳಲ್ಲ, ಬಾಯಿ ಮಾತ್ರ ಸುಮ್ಮನಿರುವುದಿಲ್ಲ.

"ಚಿಂತಿ ಮಾಡಬ್ಯಾಡ ಮುದಕವ್ವಾ, ನಿನ್ನ ಜಾಗಾ ನಾ ಕಾಯ್ತೀನಿ."

"ಕಾಯ್ತಿ, ಕಾಯ್ತಿ. ಬೆಕ್ಕ ಹಾಲ ಕಾಯ್ದಂಗ" ಅಂದಳು ಕಮಲಾಬಾಯಿ ಕಟ್ಟೆಯ ಮೇಲಿಂದ. ಆಮೇಲೆ ದನಿ ತಗ್ಗಿಸಿ, "ಮುದಕವ್ವಾ, ಮ್ಯಾಲೆ ಬಾ. ಒಳಗ ಕುಂದ್ರ" ಅಂದಳು.

ಆರತಿ ಗಿರಾಕಿಗಳನ್ನು ಕಳಿಸಿ ಬಂದು ಮುಂದೆ ಕೂತಳು. ಮುಖ ಹಿಡಿದು ಬೆಳಕಿಗೆ ತಿರುಗಿಸಿ ನೋಡಿದಳು.

"ಆಯಿ, ಇವತ್ತ ಹಚ್ಚೀರೇನ್ರಿ?"

"ನಾನ ಕೈಯಾರೆ ಹಚ್ಚೇನ್ರಿ" ಅಂದಳು ಮಾಯಾ. "ಮೊದಲ ಲೋಷನ್, ಆಮ್ಯಾಲೆ ಮುಲಾಮು, ನೀವ ಹೇಳಿದಂಗ."

"ಹಂಗಾರ ಈ ಮಾರಿ ಹಿಂಗ್ಯಾಕ ಜಿಡ್ಡ ಹೊಳ್ಯಾಕತ್ತೈತಿ? ಮುಲಾಮಿನ ಕಳಿ ಇಲ್ಲ, ಎಣ್ಣಿ ಕಳಿ ಐತಿ."

ಮುದಕವ್ವ ಸೆರಗು ಸರಿಮಾಡಿಕೊಂಡಳು. ಮಾತು ಬಂದದ್ದು ಕಮಲಾಬಾಯಿಗೆ.

"ಈಕಿ ದಿನಾ ಟೆಂಪೊ ಇಳದ ಕೂಡ್ಲೆ ಆ ಗ್ವಾಡಿ ಮರಿಗೆ ಹೋಗ್ತಾಳ. ಚಂಚಿ ಬಿಚ್ಚಿ ಏನೋ ತಗದು ವಿಭೂತಿ ಬಿಟ್ಟ ಮಾರಿಗೆಲ್ಲಾ ತಿಕ್ಕೊಂತಾಳ, ಸೆರಗಿಲೆ ಒರಸ್ಕೊಂತಾಳ. ನಾ ನಶ್ಯ ಅಂತ ತಿಳದಿದ್ನಿ."

ಚಂಚಿ ಅಂದರೆ ಎಲೆ ಅಡಿಕೆ ಇಡುವ ಬಟ್ಟೆಯ ಚೀಲ. ಮಾಯಾ ಅತ್ತೆಯ ಸೊಂಟದಿಂದ ಅದನ್ನು ಬಿಡಿಸಿದಳು. ಎಲೆ, ಸುಣ್ಣದ ಡಬ್ಬಿ, ಅದರ ಬಾಜೂಕ್ಕೆ ಕೊಬ್ಬರಿ ಎಣ್ಣೆಯ ಪುಟ್ಟ ಬಾಟಲಿ.

"ಅತ್ತಿ" ಅಂದಳು ಮಾಯಾ. ಬಾಟಲಿ ಎತ್ತಿ ಹಿಡಿದಳು.

"ಸಿಟ್ಟ ಮಾಡಬ್ಯಾಡ" ಅಂದಳು ಮುದಕವ್ವ. "ಮೊದಲನೇ ದಿನಾನ ಈ ಸತ್ತೆವ್ವ ಕೇಳಿದ್ಲು, ಏನ ಮುದಕವ್ವಾ, ಸ್ನೋ ಪೌಡರ ಜೋರ ಐತಿ, ಎಲ್ಲಿ ಲಗ್ನಕ್ಕ ಹೊಂಟಿ ಅಂತ. ಎಲ್ಲಾರೂ ನಕ್ರು. ನಾನೂ ನಕ್ಕೆ. ಗಂಡ ಇಲ್ದಾಕಿ ನಾನು. ಈ ವಯಸ್ಸಿನ್ಯಾಗ ಮಾರಿಗೆ ಬೆಳ್ಳಗ ಬಳಕೊಂಡ ಬಜಾರದಾಗ ಕುಂದ್ರತಾಳ ಅಂದ್ರ ನನ್ನ ಮಾನ ಏನ ಉಳಿತು? ಮುಲಾಮೂ ಹಚ್ಚಿದಂಗ ಆಗಬೇಕ, ಬಿಳೀನೂ ಕಾಣಬಾರದು. ಅದಕ್ಕ ಮ್ಯಾಲೆ ಎಣ್ಣಿ ತಿಕ್ಕಿ ಒಳಗ ಇಂಗಸ್ತಿದ್ನಿ."

"ಅದು ಒಳಗ ಇಂಗೂದಲ್ರಿ ಆಯಿ" ಅಂದಳು ಆರತಿ. ದನಿಯಲ್ಲಿ ಸ್ವಲ್ಪವೂ ಗದರಿಕೆ ಇರಲಿಲ್ಲ. "ಲೋಷನ್ ಒಳಗ ಹೋಗ್ತೈತಿ. ಸನ್‌ಸ್ಕ್ರೀನ್ ಮ್ಯಾಲೇ ಕುಂತ ಬಿಸಲಿಗೆ ಅಡ್ಡ ನಿಲ್ಲಬೇಕ. ನೀವ ಅದನ್ನ ಎಣ್ಣಿ ಹಚ್ಚಿ ಕರಗಿಸಿ ಸೆರಗಿಗೆ ಒರಸಿದ್ರಿ. ಸೆರಗಿಗೆ ಬಿಸಲ ಬಡದಿಲ್ಲ ನೋಡ್ರಿ, ಮಾರಿಗೆ ಬಡದೈತಿ."

ಮುದಕವ್ವ ಹೊರಗೆ ತನ್ನ ಬುಟ್ಟಿಯ ಕಡೆ ನೋಡಿದಳು. ಮೆಂತೆ ಸೂಡುಗಳ ಮೇಲೆ ಹಸಿ ಗೋಣಿತಟ್ಟು ಹೊದಿಸಿತ್ತು. ದಿನಾ ಬೆಳಿಗ್ಗೆ ಅವಳು ಸೊಪ್ಪಿಗೆ ನೀರು ಚಿಮುಕಿಸುತ್ತಾಳೆ, ಆಮೇಲೆ ತಟ್ಟು ಮುಚ್ಚುತ್ತಾಳೆ, ಗಿರಾಕಿ ಬಂದಾಗ ಮಾತ್ರ ಒಂದು ಮೂಲೆ ಎತ್ತುತ್ತಾಳೆ.

"ಅಂದ್ರ" ಅಂದಳು ನಿಧಾನಕ್ಕೆ, "ಲೋಷನ್ ಅಂದ್ರ ನೀರ ಹೊಡದಂಗ. ಬಿಳಿ ಮುಲಾಮು ತಟ್ಟ ಹೊಚ್ಚಿದಂಗ. ನನ್ನ ಸೊಸಿ ನೀರ ಹೊಡದು ತಟ್ಟ ಹೊಚ್ಚಿ ಕಳಿಸಿದ್ರ, ನಾ ಪ್ಯಾಟಿಗೆ ಬಂದು ತಟ್ಟ ಕಿತ್ತ ಒಗದೇನಿ."

"ಇನ್ನ ನಾ ಏನ ಹೇಳ್ಲಿ, ನೀವ ಹೇಳಿದ್ರೆಲ್ಲಾ" ಅಂದು ಆರತಿ ನಕ್ಕಳು. "ನೀರ ಹೊಡೀಲಾರ್ದ ಬರೇ ತಟ್ಟ ಮುಚ್ಚಿದ್ರ?"

"ಸೊಪ್ಪ ಒಳಗ ಒಣಗ್ತೈತಿ."

"ಎರಡೂ ಒಂದ್ರಾಗ ಕಲಸಿ ಹಚ್ಚಿದ್ರ?"

"ತಟ್ಟ ಹರದು ನೀರಾಗ ಕಲಸಿದ್ರ ಅದು ಏನ ಮುಚ್ಚೀತು?"

ಆರತಿ ಗೋಡೆಯ ಕನ್ನಡಿ ಬಿಚ್ಚಿ ತಂದು ಮುದಕವ್ವನ ಮುಂದೆ ಹಿಡಿದಳು. "ಈಗ ನಿಮ್ಮ ಹಣಿ ನೋಡ್ರಿ. ವಿಭೂತಿ ಹಚ್ಚೋ ಜಾಗಾದಾಗ ಕೆಂಪ ಕಡಿಮಿ ಐತಿ. ಬೆರಳಿನ ಗೆರಿ ಹಂಗ ಕಾಣ್ತಾವ."

ಖರೆ ಇತ್ತು. ಕೆಂಪು ಹಣೆಯ ಮೇಲೆ ಮಸುಕು ಪಟ್ಟಿಗಳು. ಮುದಕವ್ವ ಅವುಗಳ ಮೇಲೆ ಬೆರಳಾಡಿಸಿದಳು.

"ಹಂಗಂತ ನಾಳಿಯಿಂದ ಮಾರಿ ತುಂಬ ವಿಭೂತಿ ಬಳಕೊಬ್ಯಾಡ್ರಿ ಮತ್ತ" ಅಂದಳು ಆರತಿ. "ಬೆವರಿಗೆ ಉದರ್ತೈತಿ, ತೊಗಲ ಇನ್ನೂ ಒಣಗ್ತೈತಿ. ಬಿಸಲಿಗೆ ಅಡ್ಡ ಇದ್ದದ್ದ ಹೆಂಗ ಕಾಯ್ತೈತಿ ಅಂತ ತೋರ್ಸಾಕ ಹೇಳಿದ್ನಿ. ಬಿಳಿ ಅಂದ್ರ ಬರೇ ಶೃಂಗಾರ ಅಲ್ರಿ."

"ನಿಂಗ ತಿಳಿತೈತಿ, ನಂಗ ತಿಳಿತೈತಿ. ಪ್ಯಾಟಿಗೆ ಯಾರ ಹೇಳ್ತಾರ?"

ಕಮಲಾಬಾಯಿ ಕೈ ಚಾಚಿದಳು.

"ಆರತಿ, ಆ ಟ್ಯೂಬ ತಾ ಇಲ್ಲಿ. ಇದರಾಗ ಪ್ರಾಣಿ ಚರ್ಬಿ ಗಿರ್ಬಿ ಏನ ಇಲ್ಲಲಾ?"

"ಇಲ್ಲ ಅತ್ತಿ. ಕಂಪನಿಯವರನ್ನ ಕೇಳೇ ತರಸೇನಿ. ಆದ್ರ ಮೊದಲ ಕಿವಿ ಹಿಂದ ಒಂದೀಟ ಹಚ್ಚಿ ಒಂದ ದಿನಾ ನೋಡಬೇಕ."

"ಹಂಗಾರ ನಾಳೆ."

ಮರುದಿನ ಕಮಲಾಬಾಯಿಯ ಕಿವಿಯ ಹಿಂದೆ ಕಡಿತವೂ ಇರಲಿಲ್ಲ, ಉರಿಯೂ ಇರಲಿಲ್ಲ. ಟೆಂಪೊ ಇಳಿದ ಮುದಕವ್ವ ಕಟ್ಟೆಯ ಹತ್ತಿರ ಬಂದು ನಿಂತುಬಿಟ್ಟಳು. ಕಟ್ಟೆಯ ಮೇಲೆ ಕಮಲಾಬಾಯಿ ಕೂತಿದ್ದಾಳೆ, ಬಿಳಿ ಸೀರೆ, ಬೆಳ್ಳಗಿನ ಮುಖ, ಕುತ್ತಿಗೆ ಬಿಳಿ, ಕಿವಿ ಬಿಳಿ. ಎದುರಿನ ಬಾಳೆಹಣ್ಣಿನ ಸಾತಪ್ಪ ತೂಕ ಮಾಡುವುದು ಬಿಟ್ಟು ನೋಡುತ್ತಿದ್ದಾನೆ.

"ನಂಗೂ ಗಂಡ ಇಲ್ಲ" ಅಂದಳು ಕಮಲಾಬಾಯಿ, ಪೇಟೆಗೆಲ್ಲಾ ಕೇಳುವಂತೆ. "ನಗೋರು ಇಬ್ರನ್ನೂ ನೋಡಿ ಒಮ್ಮೆಲೆ ನಕ್ಕ ಬಿಡ್ರಿ. ಮುದಕವ್ವಾ, ಕುಂದ್ರ, ಬುಟ್ಟಿ ಬಿಚ್ಚ."

ಸತ್ತೆವ್ವ ನಕ್ಕಳು, ಸಾತಪ್ಪನೂ ನಕ್ಕ. ಮುದಕವ್ವ ಚಂಚಿಗೆ ಕೈ ಹಾಕಿದಳು. ಎಲೆ ತೆಗೆದು ಸುಣ್ಣ ಹಚ್ಚಿ ಬಾಯಿಗಿಟ್ಟುಕೊಂಡಳು. ಎಣ್ಣೆಯ ಬಾಟಲಿ ಅದರಲ್ಲಿ ಇರಲಿಲ್ಲ.

ಮನೆಯಲ್ಲಿ ಮಾಯಾ ಗಂಡನಿಗೆ ಎಲ್ಲಾ ಹೇಳಿದ್ದಳು. ಪರಶುರಾಮ ಬಹಳ ಹೊತ್ತು ನಕ್ಕು, ಆಮೇಲೆ "ಆತ, ಯುಗಾದಿ ಅಂದಿದ್ನಿ, ಯುಗಾದಿ ಮಟಾ ನೋಡೋಣು" ಅಂದಿದ್ದ. ಅಷ್ಟು ಸಿಕ್ಕದ್ದೇ ಸಾಕಾಯಿತು. ಡಾಕ್ಟರ ಗುಳಿಗೆ, ಬೆಳಿಗ್ಗೆ ಲೋಷನ್, ಅದು ಇಂಗುವವರೆಗೆ ಒಂದು ಕಪ್ ಚಹಾ, ಆಮೇಲೆ ಸನ್‌ಸ್ಕ್ರೀನ್, ಕೊನೆಗೆ ವಿಭೂತಿ. ಬಿಸಿಲು ಏರಿದಾಗ ಆರತಿ ಒಳಗೆ ಕರೆದು, ಕೈ ಮುಖ ತೊಳೆಸಿ, ಇನ್ನೊಮ್ಮೆ ಹಚ್ಚಿಸಿ ಕಳಿಸುವಳು. ಮೊದಲು ಕಡಿತ ನಿಂತಿತು. ಆಮೇಲೆ ಚರ್ಮ ಏಳುವುದು ನಿಂತಿತು. ಯುಗಾದಿಯ ಬೇವು ಬೆಲ್ಲ ತಿನ್ನುವ ಹೊತ್ತಿಗೆ ಮುದಕವ್ವನ ಮುಖ ಅವಳ ಹಳೆಯ ಮುಖವಾಗಿತ್ತು, ಅದೇ ಎಣ್ಣೆಗಪ್ಪು, ಅದೇ ಹೊಳಪು.

ಹಬ್ಬದ ಮರುದಿನ ಪರಶುರಾಮ ಗೋಕಾಕಿಗೆ ಹೋಗಿ ಬಂದ. ಹೊಸ ಬಿದಿರ ಬುಟ್ಟಿ ಒಂದನ್ನು, ಅದರೊಳಗೆ ದೊಡ್ಡ ಕರಿ ಛತ್ರಿ ಒಂದನ್ನು ತಂದು ತಾಯಿಯ ಮುಂದೆ ಇಟ್ಟ.

"ಹಳೇ ಬುಟ್ಟಿ ಹರದಿತ್ತ" ಅಂದ.

"ಯಾವಾಗಿಂದೋ ಹರದಿತ್ತ" ಅಂದಳು ಮುದಕವ್ವ. ಸೆರಗಿನಿಂದ ಕಣ್ಣು ಒರೆಸಿಕೊಂಡಳು, ಮುಖ ಮಾತ್ರ ಮುಟ್ಟಿಕೊಳ್ಳಲಿಲ್ಲ.

ಮರುದಿನ ಪೇಟೆಯಲ್ಲಿ ಸತ್ತೆವ್ವ ಮೆಲ್ಲಗೆ ಹತ್ತಿರ ಸರಿದಳು. "ಮುದಕವ್ವಾ, ನನ್ನ ಮೂಗೂ ಉರ್ಯಾಕತ್ತೈತಿ. ಆ ಬಿಳಿ ಮುಲಾಮು ನಂಗೂ ಹತ್ತತೈತೇನ?"

ಮುದಕವ್ವ ಅವಳನ್ನು ಮೇಲಿಂದ ಕೆಳಗೆ ನೋಡಿದಳು. "ಏನ ಸತ್ತೆವ್ವಾ, ಎಲ್ಲಿ ಲಗ್ನಕ್ಕ ಹೊಂಟಿ?" ಅಂದಳು. ಆಮೇಲೆ ತಾನೇ ಅವಳ ಕೈ ಹಿಡಿದು ಆರತಿಯ ಹತ್ತಿರ ಕರೆದುಕೊಂಡು ಹೋದಳು.

ಅಕ್ಕಂದಿರೆ, ಅವ್ವಂದಿರೆ, ಕಬ್ಬು ಕಡಿಯುವ ಅಣ್ಣಂದಿರೆ, ಈ ಕಥೆ ಬೆಳ್ಳಗಾಗುವುದರ ಕಥೆ ಅಲ್ಲ. ನಮ್ಮ ಕಪ್ಪು ನಮಗೆ ಚೆಂದ, ಅದು ರೋಗವಲ್ಲ. ಆದರೆ ಉರಿ, ದದ್ದು, ಒಡೆದ ಚರ್ಮ ಇವೆಲ್ಲಾ ಸಹಿಸಿಕೊಂಡು ಕೂರುವ ಸಂಗತಿಗಳಲ್ಲ. ಹಾಗಾದರೆ ಮೊದಲು ಡಾಕ್ಟರಿಗೆ ತೋರಿಸಿ. ಹೆಸರಿಲ್ಲದ ಮುಲಾಮು ಬೇಡ, ಲಿಂಬೆರಸ ಹಚ್ಚಿ ಬಿಸಿಲಿಗೆ ಹೋಗುವುದಂತೂ ಬೇಡವೇ ಬೇಡ. ಮುಖ ತೊಳೆದು ಮೊದಲು ಮಾಯಿಶ್ಚರೈಸರ್ ಹಚ್ಚಿ, ಅದು ಇಂಗಲಿ, ಅದರ ಮೇಲೆ ಸನ್‌ಸ್ಕ್ರೀನ್. ಕುಂಕುಮ ಇಟ್ಟಷ್ಟು ಸಾಲದು, ಕೈ ಧಾರಾಳ ಇರಲಿ, ಕುತ್ತಿಗೆ, ಕಿವಿ, ಮುಂಗೈ ಮರೆಯಬೇಡಿ. ಮನೆ ಬಿಡುವುದಕ್ಕೆ ಸ್ವಲ್ಪ ಮುಂಚೆಯೇ ಹಚ್ಚಿ, ಎರಡು ಮೂರು ತಾಸಿಗೊಮ್ಮೆ ಮತ್ತೆ ಹಚ್ಚಿ, ಬೆವರಿ ಒರೆಸಿಕೊಂಡರೆ ಆಗಲೂ ಹಚ್ಚಿ. ಸೆರಗು, ಟವೆಲು, ಛತ್ರಿ ಬಿಡಬೇಡಿ, ಮುಲಾಮು ಒಂದೇ ಎಲ್ಲಾ ಕಾಯುವುದಿಲ್ಲ.

ಇನ್ನೊಂದು ಮಾತು. ನಿಮ್ಮ ಓಣಿಯಲ್ಲಿ ಯಾರಾದರೂ ಮುಖಕ್ಕೆ ಬೆಳ್ಳಗೆ ಹಚ್ಚಿಕೊಂಡು ಹೊಲಕ್ಕೋ ಪೇಟೆಗೋ ಹೊರಟರೆ ನಗಬೇಡಿ. ನಗು ತಡೆಯಲಾಗದಿದ್ದರೆ ಕಮಲಾಬಾಯಿಯ ಹಾಗೆ ಮಾಡಿ, ನೀವೂ ಹಚ್ಚಿಕೊಂಡು ಅವರ ಬಾಜೂಕ್ಕೆ ಹೋಗಿ ಕೂತುಬಿಡಿ.