ತಡೆಯುವುದು, ತಡೆದುಕೊಳ್ಳುವುದು

೧

ಈ ಕತೆಯನ್ನು ಎಲ್ಲಿಂದ ಶುರು ಮಾಡಬೇಕು ಎಂಬುದರ ಬಗ್ಗೆ ನನಗೂ ಇಂದ್ರಾಣಿಗೂ ಈಗಾಗಲೇ ಒಂದು ಜಗಳವಾಗಿದೆ. ಗದ್ದೆಯಿಂದ ಎಂದು ನಾನು. ಹೆಡತಲೆ ಎಂಬ ಊರಿನ ಪಕ್ಕದ ಒಂದು ಎಕರೆ ಭತ್ತ, ಕಾಲುವೆ ನೀರು, ಬೆಳಗಿನ ಇಬ್ಬನಿ. ಓದುಗರಿಗೆ ಇಬ್ಬನಿ ಇಷ್ಟವಾಗುತ್ತದೆ, ನಿಮಗೂ ಆಗುತ್ತದೆ, ಸುಳ್ಳು ಹೇಳಬೇಡಿ.

"ಇಬ್ಬನಿ ಬಿದ್ರೆ ಬೆಂಕಿ ರೋಗ ಜಾಸ್ತಿ ಆಯ್ತದೆ ಸಾ. ನಿಮ್ಗೆ ಅದು ಚಂದ ಕಂಡ್ತಾ?" ಎಂದಳು ಇಂದ್ರಾಣಿ.

"ಮತ್ತೆ ಎಲ್ಲಿಂದ ಶುರು ಮಾಡಲಿ?"

"ನಿಮ್ಮ ಫೋನಿಂದ."

ಫೋನಿನ ವಿಷಯಕ್ಕೆ ಬರುತ್ತೇನೆ. ಬರಲೇಬೇಕು, ಬೇರೆ ದಾರಿಯಿಲ್ಲ. ಅದಕ್ಕೆ ಮೊದಲು ನಾನು ಯಾರು ಎಂದಾದರೂ ಹೇಳಲು ಬಿಡಿ.

೨

ನಾನು ತಿ. ನರಸೀಪುರದ ಒಂದು ಕಾಲೇಜಿನಲ್ಲಿ ಹತ್ತೊಂಬತ್ತು ವರ್ಷದಿಂದ ಸಸ್ಯಶಾಸ್ತ್ರದ ಅತಿಥಿ ಉಪನ್ಯಾಸಕ. (ಹತ್ತೊಂಬತ್ತು ವರ್ಷ ಇದ್ದವನನ್ನು ಅತಿಥಿ ಎನ್ನುವ ಭಾಷೆಯ ಮೇಲೆ ನನಗೆ ಸಿಟ್ಟಿದೆ. ಆದರೆ ಈ ಕತೆಯಲ್ಲಿ ಸಿಟ್ಟು ಮಾಡಿಕೊಳ್ಳುವ ಹಕ್ಕು ನನ್ನದಲ್ಲ.) ಮನೆ ನಂಜನಗೂಡಿನಲ್ಲಿ. ಕತೆ ಬರೆಯುತ್ತೇನೆ; ಎರಡು ಸಂಕಲನ ಬಂದಿವೆ, ಎರಡನೆಯದರ ಪ್ರತಿಗಳು ಮಂಚದ ಕೆಳಗಿವೆ. ಜೊತೆಗೆ ಪಂಪ್‌ಸೆಟ್ಟು, ಕೀಟನಾಶಕ, ಬಿತ್ತನೆ ಬೀಜ ಇವುಗಳ ಇಂಗ್ಲಿಷ್ ಕರಪತ್ರಗಳನ್ನು ಕನ್ನಡಕ್ಕೆ ಮಾಡಿಕೊಡುತ್ತೇನೆ. ಸತ್ಯ ಹೇಳಬೇಕೆಂದರೆ ನನ್ನ ಬರಹಗಳಲ್ಲಿ ಅತಿ ಹೆಚ್ಚು ಜನ ಓದಿರುವುದು ಅವನ್ನೇ.

ಇಂದ್ರಾಣಿ ನನ್ನ ಹಳೆಯ ವಿದ್ಯಾರ್ಥಿನಿ. ಪಿಯುಸಿ ವಿಜ್ಞಾನ, ಎರಡನೇ ಬೆಂಚು. ಆಮೇಲೆ ಓದು ನಿಂತಿತು, ಮದುವೆಯಾಯಿತು. ಗಂಡ ನಂಜೇಶ್ ನಂಜನಗೂಡಿನ ಒಂದು ಫ್ಯಾಕ್ಟರಿಯಲ್ಲಿ ಶಿಫ್ಟ್ ಕೆಲಸಕ್ಕೆ ಹೋಗುತ್ತಾನೆ. ಹೆಡತಲೆಯ ಆ ಒಂದು ಎಕರೆಯ ಬೇಸಾಯ ಪೂರ್ತಿ ಇವಳದು. ಅತ್ತೆಯ ಕಾಲದವರೆಗೂ ಆ ಮನೆಯ ಹೆಂಗಸರು ಬೇರೆಯವರ ಗದ್ದೆಯಲ್ಲೇ ನಾಟಿ ಹಾಕಿದವರು. ಈ ಗದ್ದೆ ಅವರದೇ.

೩

ಈಗ ಪಾಠ. ಬೇಸರ ಪಡಬೇಡಿ, ಇಡೀ ಕತೆ ಈ ಪಾಠದ ಮೇಲೆ ನಿಂತಿದೆ.

ಎಲೆಯ ಮೇಲೆ ಶಿಲೀಂಧ್ರದ ಬೀಜಕಣವೊಂದು ಬಂದು ಕೂರುತ್ತದೆ. ಮೊಳೆಯುತ್ತದೆ. ಒಳಗೆ ನುಗ್ಗಲು ನೋಡುತ್ತದೆ. ಗಿಡ ಅದನ್ನು ಅಲ್ಲೇ ನಿಲ್ಲಿಸಿ ಬೆಳೆಯಗೊಡದಿದ್ದರೆ ಆ ತಳಿ ರೆಸಿಸ್ಟೆಂಟ್, ಕನ್ನಡದಲ್ಲಿ ನಿರೋಧಕ. ಶಿಲೀಂಧ್ರ ಒಳಗೆ ಬಂದು, ಮನೆ ಮಾಡಿ, ಮೈಯೆಲ್ಲ ಹರಡಿ, ಗಿಡ ರೋಗ ಹೊತ್ತುಕೊಂಡೇ ಅಷ್ಟಿಷ್ಟು ಕಾಳು ಕೊಟ್ಟರೆ ಆ ತಳಿ ಟಾಲರೆಂಟ್. ಅದಕ್ಕೆ ಪಠ್ಯಪುಸ್ತಕದಲ್ಲಿ ಸಹಿಷ್ಣು ಎಂದಿದೆ.

ಒಂದರಲ್ಲಿ ರೋಗ ಬೆಳೆಯುವುದಿಲ್ಲ. ಇನ್ನೊಂದರಲ್ಲಿ ಬೆಳೆಯುತ್ತದೆ, ಗಿಡ ಸುಮ್ಮನೆ ದುಡಿಯುತ್ತದೆ. ಇದನ್ನು ಬೋರ್ಡಿನ ಮೇಲೆ ಬರೆದು ಅಡಿಗೆರೆ ಎಳೆದವನು ನಾನೇ. ಇದೇ ಪ್ರಶ್ನೆಗೆ ಇಂದ್ರಾಣಿಗೆ ಪೂರ್ತಿ ಅಂಕ ಹಾಕಿದವನೂ ನಾನೇ.

೪

ಫೋನು.

ಕಂಪನಿಯವರು (ಹೆಸರು ಬರೆದರೆ ನನ್ನ ಮೇಲೊಂದು ಕೇಸು ಬೀಳುತ್ತದೆ, ಹಾಗಾಗಿ ಕಂಪನಿ ಅಷ್ಟೇ) ಹೊಸ ಭತ್ತದ ತಳಿಯ ಕರಪತ್ರ ಕಳಿಸಿದ್ದರು. ಇಂಗ್ಲಿಷಿನಲ್ಲಿ ಬ್ಲಾಸ್ಟ್ ಟಾಲರೆಂಟ್ ಎಂದಿತ್ತು. ನಾನು ಬರೆದೆ: "ಬೆಂಕಿ ರೋಗ ಸಹಿಷ್ಣು ತಳಿ. ಎಲೆಯಲ್ಲಿ ಚುಕ್ಕೆ ಕಂಡ ಕೂಡಲೇ ಔಷಧಿ ಸಿಂಪಡಿಸಿ." ಎರಡು ದಿನ ಕಳೆದು ಕಂಪನಿಯ ಮಾರ್ಕೆಟಿಂಗಿನ ಮದನ್ ಫೋನ್ ಮಾಡಿದ. ನಾನು ನರಸೀಪುರದಿಂದ ವಾಪಸ್ಸು ಬರುವ ಬಸ್ಸಿನಲ್ಲಿ ನಿಂತಿದ್ದೆ.

"ಸರ್, ಈ ಸಹಿಷ್ಣು ಅಂದ್ರೆ ಯಾವ ರೈತನಿಗೆ ಅರ್ಥ ಆಗುತ್ತೆ? ನಿರೋಧಕ ಅಂತ ಹಾಕೋಣ."

"ಅರ್ಥ ಬದಲಾಗುತ್ತೆ ಮದನ್."

"ಎರಡೂ ಒಂದೇ ಅಲ್ವಾ ಸರ್, ರೋಗ ತಡೆಯುತ್ತೆ ಅಂತ ತಾನೇ."

"ಒಂದೇ ಅಲ್ಲ."

"ಸರ್, ಇದು ಕರಪತ್ರ, ನಿಮ್ಮ ಕಾಲೇಜು ನೋಟ್ಸ್ ಅಲ್ಲ. ಮತ್ತೆ ಆ ಸಿಂಪಡಣೆ ಸಾಲು ತೆಗೀತೀನಿ. ನಿರೋಧಕ ಅಂದ್ಮೇಲೆ ಔಷಧಿ ಯಾಕೆ? ಓದೋರಿಗೆ ಕನ್‌ಫ್ಯೂಸ್ ಆಗುತ್ತೆ."

ಬಸ್ಸು ಬ್ರೇಕು ಹಾಕಿತು. ಯಾರೋ ನನ್ನ ಕಾಲು ತುಳಿದರು. "ಆಯ್ತು, ನೋಡ್ಕೊಳ್ಳಿ" ಎಂದೆ. ಸಂಜೆ ತಿದ್ದಿದ ಕರಪತ್ರ ವಾಟ್ಸಾಪಿಗೆ ಬಂತು, ಓಕೆನಾ ಸರ್ ಎಂಬ ಮೆಸೇಜಿನ ಜೊತೆ. ನಾನು ಹೆಬ್ಬೆರಳಿನ ಚಿತ್ರ ಕಳಿಸಿದೆ. ಎಂ.ಎಸ್ಸಿ. ಮಾಡಿದವನು ಹೆಬ್ಬೆಟ್ಟು ಒತ್ತಿದೆ.

೫

ಗದ್ದೆಯಲ್ಲಿ ಆದದ್ದು ಇಷ್ಟು.

ಇಂದ್ರಾಣಿ ಆ ಕರಪತ್ರ ಓದಿ ಆ ಬೀಜ ತಂದಳು. ಪಕ್ಕದ ಗದ್ದೆಯ ಚಲುವಯ್ಯನೂ ತಂದ, ಅಂಗಡಿಯವನು ಕೊಟ್ಟ ಅಂತ. ಪೈರು ಚೆನ್ನಾಗಿ ಬಂತು. ಒಂದು ದಿನ ಎಲೆಯ ಮೇಲೆ ಕಣ್ಣಿನಾಕಾರದ ಬೂದು ಚುಕ್ಕೆಗಳು ಕಂಡವು. ಔಷಧಿ ಹೊಡೆಸೋಣ ಎಂದ ನಂಜೇಶ್. ಬೇಡ ಎಂದಳು ಇವಳು. ಇದು ನಿರೋಧಕ ತಳಿ, ಚುಕ್ಕೆ ಅಲ್ಲಿಗೇ ನಿಲ್ಲುತ್ತದೆ, ಸುಮ್ಮನೆ ವಿಷ ಯಾಕೆ ಸುರಿಯುವುದು, ನಾನು ಓದಿದ್ದೇನೆ ಎಂದಳು.

ಚಲುವಯ್ಯ ಏನೂ ಓದಿರಲಿಲ್ಲ. ಚುಕ್ಕೆ ನೋಡಿದ, ಔಷಧಿ ಹೊಡೆದ.

ಹದಿನೈದು ದಿನದಲ್ಲಿ ಇಂದ್ರಾಣಿಯ ಗದ್ದೆಯ ತೆನೆಗಳ ಕುತ್ತಿಗೆ ಕಪ್ಪಾಯಿತು. ಬಾಗಬೇಕಿದ್ದ ತೆನೆಗಳು ಬೆಳ್ಳಗೆ ನೆಟ್ಟಗೆ ನಿಂತವು. ಒಳಗೆ ಹಾಲು ತುಂಬಿರಲಿಲ್ಲ. ಕೊಯ್ಲು ಮಾಡಿ ತೂರಿದಾಗ ಬಹುಪಾಲು ಜೊಳ್ಳು ಗಾಳಿಗೆ ಹೋಯಿತು. ಬದುವಿನ ಆಚೆ ಚಲುವಯ್ಯನ ಭತ್ತ ಬಾಗಿ ನಿಂತಿತ್ತು. ಅದೇ ಬೀಜ, ಅದೇ ಕಾಲುವೆಯ ನೀರು. ಊರಿನವರು ನಕ್ಕರು. ಓದಿದವಳಂತೆ, ನೋಡು ಎಂದರು.

೬ (ಬಿಸಾಡಿದ ಕರಡು)

ಬೀಜದ ಚೀಲದ ಮೇಲಿನ ಸಣ್ಣ ಇಂಗ್ಲಿಷ್ ಅಕ್ಷರದಲ್ಲಿ ಟಾಲರೆಂಟ್ ಎಂದಿರುವುದನ್ನು ಇಂದ್ರಾಣಿ ಆಮೇಲೆ ಓದಿದಳು. ಗ್ರಾಹಕರ ಆಯೋಗಕ್ಕೆ ದೂರು ಕೊಟ್ಟಳು. ಎರಡು ಪದಗಳ ವ್ಯತ್ಯಾಸ ಹೇಳಲು ತಜ್ಞರು ಬೇಕಲ್ಲ, ನನ್ನ ಮನೆಗೆ ಬಂದಳು. ಚೀಲ, ಕರಪತ್ರ ಎರಡನ್ನೂ ಮೇಜಿನ ಮೇಲಿಟ್ಟು, "ನೀವೇ ಏಳ್ಕೊಟ್ಟಿದ್ದು ಸಾ. ಬಂದು ಅದ್ನೇ ಅಲ್ಲೂ ಏಳಿ, ಸಾಕು" ಎಂದಳು.

ಆ ಕರಪತ್ರ ನನ್ನದು ಎಂದು ಅವಳಿಗೆ ಗೊತ್ತಿರಲಿಲ್ಲ. ನಾನು ಹೇಳಲಿಲ್ಲ. ಯೋಚನೆ ಮಾಡಿ ತಿಳಿಸುತ್ತೇನೆ ಎಂದು ಕಾಫಿ ಕೊಟ್ಟು ಕಳಿಸಿದೆ.

ಕಳಿಸಿ ಏನು ಮಾಡಿದೆ? ಕತೆ ಬರೆದೆ. ನಮ್ಮಂಥವರು ಮಾಡುವುದೇ ಅದು. ಅನುವಾದಕ ಬೆಂಗಳೂರಿನ ಯಾವುದೋ ಏಜೆನ್ಸಿಯವನು. ನಾಯಕಿ ಬದುವಿನ ಮೇಲೆ ಕೂತು ಅಳುತ್ತಾಳೆ, ಮೇಷ್ಟ್ರ ಮುಂದೆ ಕೈಮುಗಿದು ನಿಲ್ಲುತ್ತಾಳೆ. ಮೇಷ್ಟ್ರ ಎದೆ ಭಾರವಾಗುತ್ತದೆ. ಮುಂದಿನ ವಾರ ಅವಳು ಬಂದಾಗ ಅದನ್ನೇ ಕೈಗಿತ್ತೆ. ನಿನ್ನ ಕಷ್ಟದ ಮೇಲೆ ಬರೆದಿದ್ದೇನೆ ನೋಡು ಎಂದೆ. ಖುಷಿಪಡುತ್ತಾಳೆ ಅಂದುಕೊಂಡಿದ್ದೆ. (ಹೌದು, ಅಷ್ಟು ದಡ್ಡ.)

ನಿಂತುಕೊಂಡೇ ಓದಿದಳು.

"ನಾ ಯಾವಾಗ ಅತ್ತೆ ಸಾ?"

"ಅದು ಕತೆಗೆ..."

"ನಾ ಅಳ್ನಿಲ್ಲ. ಬೈದೆ. ಬೀಜದಂಗ್ಡಿ ಮುಂದೆ ನಿಂತ್ಕಂಡು ಒಂದು ಗಂಟೆ ಬೈದೆ. ನಮ್ಮೂರ್ನೋರ್ನೆಲ್ಲ ಕೇಳಿ. ಕೈಯೂ ಮುಗ್ದಿಲ್ಲ. ಮುಗಿಯೋ ಕೈನ ನಮ್ಮತ್ತೆ ಕಾಲ್ದಲ್ಲೇ ನಿಲ್ಸಾಯ್ತು."

ಅವಳು ಹಾಳೆ ಹಿಂದಕ್ಕೆ ತಿರುಗಿಸಿ ಒಂದು ಕಡೆ ಬೆರಳಿಟ್ಟಳು.

"ಈ ಫೋನ್ ಮಾತು. ಬಸ್ಸಲ್ಲಿ ನಿಂತಿದ್ದು, ಕಾಲು ತುಳಿದಿದ್ದು. ಇದು ನಿಮ್ಗೆ ಎಂಗೆ ಗೊತ್ತು?"

"ಕಲ್ಪನೆ."

"ಮಿಕ್ಕಿದ್ದೆಲ್ಲ ಸುಳ್ಳು ಅಂತ ಓದ್ದೇಟ್ಗೆ ತಿಳಿತದೆ. ಇದೊಂದೇ ನಿಜ್ವಾಗ್ಲೂ ನಡೆದಂಗದೆ."

ಇಪ್ಪತ್ತು ವರ್ಷ ಬರೆದಿದ್ದೇನೆ. ನನ್ನ ಬರವಣಿಗೆಗೆ ಇಷ್ಟು ಒಳ್ಳೆಯ ವಿಮರ್ಶೆ ಯಾರೂ ಮಾಡಿರಲಿಲ್ಲ. ಫೋನು ತೆಗೆದು ಮದನನ ಮೆಸೇಜು, ನನ್ನ ಹೆಬ್ಬೆಟ್ಟು ಎರಡನ್ನೂ ತೋರಿಸಿದೆ.

ಅವಳು ಎರಡು ಸಲ ಓದಿ ಫೋನು ವಾಪಸ್ಸು ಕೊಟ್ಟಳು. ದನಿ ಏರಿಸಿದ್ದರೆ ನನಗೆ ಸುಲಭವಾಗುತ್ತಿತ್ತು.

"ಚಲುವಯ್ಯನಂಗೆ ಓದ್ದೆ ಇದ್ದಿದ್ರೆ ನನ್ ಭತ್ತ ಉಳಿತಿತ್ತು. ನಿಮ್ಮತ್ರ ಓದಿ ಕೆಟ್ಟೆ. ನಿರೋಧಕ ಅಂದ್ರೆ ಏನೂಂತ ನಂಗೆ ಗೊತ್ತಿತ್ತಲ್ಲ, ಅದ್ಕೇ ಕೆಟ್ಟೆ. ಗೊತ್ತಿಲ್ದೋರ್ಗೆ ಮೋಸ ಮಾಡೋದು ಇದ್ದೇ ಅದೆ ಸಾ. ನೀವು ಗೊತ್ತಿರೋರ್ನೇ ಉಡ್ಕಿ ಒಡೆದ್ರಿ."

"ಇಂದ್ರಾಣಿ, ಕತೆಯನ್ನು ತಿದ್ದಿ ಬರೆಯುತ್ತೇನೆ."

"ಕತೆ ಬ್ಯಾಡ. ಅಫಿಡವಿಟ್ ಬರೀರಿ."

೭

ಬರೆದೆ. ನನ್ನ ಜೀವನದಲ್ಲಿ ಒಂದೂ ವಿಶೇಷಣವಿಲ್ಲದೆ ಬರೆದ ಮೊದಲ ಎರಡು ಪುಟ.

ಮೈಸೂರಿನಲ್ಲಿ ವಿಚಾರಣೆಯ ದಿನ ಕಂಪನಿಯ ವಕೀಲರು ನನ್ನನ್ನು ನೋಡಿ ಮುಗುಳ್ನಕ್ಕರು.

"ತಾವು ಕತೆಗಾರರು ಅಲ್ಲವೇ?"

"ಹೌದು."

"ಅಂದರೆ ಇಲ್ಲದ್ದನ್ನು ಇದೆ ಎಂದು ಬರೆಯುವುದು ತಮ್ಮ ಅಭ್ಯಾಸ."

"ಈ ಕರಪತ್ರದಲ್ಲೂ ಅದನ್ನೇ ಮಾಡಿದ್ದೇನೆ. ಕಂಪನಿಯವರು ತಿದ್ದಿದರು, ನಾನು ಓಕೆ ಎಂದೆ."

(ಇಲ್ಲಿ ಸಭೆ ನಕ್ಕಿತು ಎಂದು ಬರೆಯುವ ಆಸೆ. ಯಾರೂ ನಗಲಿಲ್ಲ. ಫ್ಯಾನು ತಿರುಗುತ್ತಿತ್ತು.)

ವಕೀಲರು ಪಟ್ಟು ಬದಲಿಸಿದರು. ಸ್ವಾಮಿ, ಇವೆಲ್ಲ ಪುಸ್ತಕದ ಪದಗಳು. ರೈತರ ಬಾಯಲ್ಲಿ ಎರಡಕ್ಕೂ ಇರುವುದು ಒಂದೇ ಮಾತು, ತಡೆ. ರೋಗವನ್ನು ತಡೆಯುತ್ತದೆ ಎಂದರೂ ಅದೇ, ತಡೆದುಕೊಳ್ಳುತ್ತದೆ ಎಂದರೂ ಅದೇ. ಹೀಗಿರುವಾಗ ದೂರುದಾರರಿಗೆ ತಪ್ಪು ತಿಳಿವಳಿಕೆ ಆಗುವುದಾದರೂ ಹೇಗೆ? ಜಾಣ ವಾದ. ಪದಕೋಶದಲ್ಲಿ ಎರಡೂ ತಡೆ ಎಂಬ ಒಂದೇ ಪದದ ಕೆಳಗೆ ಬರುತ್ತವೆ; ನನ್ನನ್ನು ಕೇಳಿದ್ದರೆ ಒಂದು ಗಳಿಗೆ ತಡವರಿಸುತ್ತಿದ್ದೆ.

ಆಯೋಗದ ಅಧ್ಯಕ್ಷರು ಇಂದ್ರಾಣಿಯ ಕಡೆ ನೋಡಿದರು. "ನೀವೇನು ಹೇಳ್ತೀರಮ್ಮ?"

ಅವಳು ಎದ್ದು ನಿಂತಳು. ಕೈಯಲ್ಲಿ ಕಾಗದವಿರಲಿಲ್ಲ.

"ತಡಿಯೋದು ಬೇರೆ ಸಾ, ತಡ್ಕಳೋದು ಬೇರೆ. ಮನೆಗೆ ಕಳ್ಳ ಬರ್ತಾನೆ. ಬಾಗ್ಲು ಆಕಂಡು ಆಚೆಗೇ ನಿಲ್ಸಿದ್ರೆ ಅದು ತಡಿಯೋದು. ಅವ್ನು ಒಳಕ್ ಬಂದು, ನಮ್ ಅನ್ನ ಉಂಡು, ನಮ್ಗೇ ಒಡಿತಾನೆ, ನಾವು ಸಾಯ್ದಂಗೆ ಇರ್ತೀವಿ, ಅದು ತಡ್ಕಳೋದು. ಈ ಎರಡೂ ಒಂದೇ ಅಂತ ಯಾರ್ ಏಳ್ತಾರೆ ಅಂದ್ರೆ, ಯಾವತ್ತೂ ಏಟು ತಿನ್ನದೆ ಇರೋರು ಏಳ್ತಾರೆ. ಈ ವಕೀಲ್ರಿಗೆ ಗೊತ್ತಿಲ್ದೆ ಇದ್ರೆ ಅದು ಅವ್ರ ಅದೃಷ್ಟ. ನಮ್ಮೋರು ತಲೆತಲಾಂತರ ತಡ್ಕಂಡವ್ರೆ. ಅದ್ಕೇ ನಂಗೆ ತಡ್ಕಳೋ ಬೀಜ ಬೇಡಾಗಿತ್ತು. ತಡಿಯೋ ಬೀಜ ಬೇಕು ಅಂತ ಉಡ್ಕಂಡು ಓಗಿ ತಂದೆ."

ಅಧ್ಯಕ್ಷರು ಏನನ್ನೋ ಬರೆದುಕೊಂಡರು. ವಕೀಲರು ಫೈಲು ಮುಚ್ಚಿದರು. ಆದೇಶಕ್ಕೆ ಮುಂದಿನ ತಾರೀಖು ಕೊಟ್ಟರು. ಆ ತಾರೀಖಿನಂದು ಇನ್ನೊಂದು ತಾರೀಖು ಕೊಟ್ಟರು.

೮ (ಮುಕ್ತಾಯಗಳು, ಬೇಕಾದ್ದು ಆರಿಸಿಕೊಳ್ಳಿ)

ಮುಕ್ತಾಯ ಒಂದು: ಆಯೋಗ ಇಂದ್ರಾಣಿಯ ಪರ ತೀರ್ಪು ಕೊಡುತ್ತದೆ. ಕಂಪನಿ ಎಲ್ಲ ಕರಪತ್ರಗಳನ್ನು ವಾಪಸ್ಸು ತರಿಸಿಕೊಳ್ಳುತ್ತದೆ. ಓದಿ ಕೇಳಿಸಿದೆ. "ಆಗ್ನಿಲ್ವಲ್ಲ. ಆದಾಗ ಬರೀರಿ" ಎಂದಳು.

ಮುಕ್ತಾಯ ಎರಡು: ದೂರು ವಜಾ ಆಗುತ್ತದೆ. "ಅದೂ ಆಗಿಲ್ಲ. ನೀವ್ಯಾಕೆ ಆತುರ ಪಡ್ತೀರಿ?"

ಮುಕ್ತಾಯ ಮೂರು: ಇಂದ್ರಾಣಿ ಮೇಷ್ಟ್ರನ್ನು ಕ್ಷಮಿಸುತ್ತಾಳೆ. ಇದನ್ನು ಪೂರ್ತಿ ಓದಲು ಅವಳು ಬಿಡಲಿಲ್ಲ. ಹಾಳೆ ಕಿತ್ತುಕೊಂಡು ನಾಲ್ಕಾಗಿ ಹರಿದು ನನ್ನ ಕೈಗೇ ಕೊಟ್ಟಳು. "ಇದು ನಂದು ಸಾ. ಕೊಡೋದು, ಬಿಡೋದು ನಂದು. ನೀವು ಬರ್ಕಂಡು ತಗಂಡ್ಬುಡಂಗಿಲ್ಲ."

ಹಾಗಾಗಿ ಮುಕ್ತಾಯವಿಲ್ಲ. ನಡೆಯುತ್ತಿರುವುದನ್ನು ಹೇಳುತ್ತೇನೆ.

೯

ಈಗ ಪ್ರತಿ ತಿಂಗಳ ಎರಡನೇ ಭಾನುವಾರ ನಾನು ಹೆಡತಲೆಗೆ ಹೋಗುತ್ತೇನೆ. ಇಂದ್ರಾಣಿ ಕರೆಯಲಿಲ್ಲ, ಬನ್ನಿ ಎಂದು ಅಪ್ಪಣೆ ಮಾಡಿದಳು. ಅವಳ ಮನೆಯ ಜಗಲಿಯ ಮೇಲೆ ಊರಿನ ಹೆಂಗಸರು ಬೀಜದ ಚೀಲ, ಔಷಧಿ ಡಬ್ಬಿ, ಕರಪತ್ರ ತಂದು ಕೂರುತ್ತಾರೆ. ನನ್ನ ಕೆಲಸ ಇಂಗ್ಲಿಷಿನ ಸಣ್ಣ ಅಕ್ಷರಗಳನ್ನು ಗಟ್ಟಿಯಾಗಿ ಓದಿ, ಅದು ಏನು ಹೇಳುತ್ತದೆ ಎಂದು ಇಂದ್ರಾಣಿಗೆ ತಿಳಿಸುವುದು. ಅವರಿಗೆ ಕನ್ನಡದಲ್ಲಿ ಹೇಳುವವಳು ಅವಳು. ಮೊದಲ ದಿನ ಬಾಯಿ ಹಾಕಿದೆ. "ನೀವು ಇಂಗ್ಲಿಷ್ ಓದಿ, ಸಾಕು" ಎಂದು ತಡೆದಳು.

ಹೋದ ಸಲ ಪುಟ್ಟಮಾದಮ್ಮ ಎಂಬ ವಯಸ್ಸಾದ ಹೆಂಗಸು ಒಂದು ಪುಡಿಯ ಪೊಟ್ಟಣ ತಂದಿದ್ದರು. ಹಿಂದುಗಡೆ ಶಿಲೀಂಧ್ರಕ್ಕೆ ಸಂಬಂಧಿಸಿದ ಒಂದು ಉದ್ದನೆಯ ಪದವಿತ್ತು. ಓದಿದೆ. ಎಲ್ಲರೂ ನನ್ನ ಮುಖ ನೋಡಿದರು. ಎಲ್ಲೋ ಕಂಡ ಪದ, ಪಕ್ಕಾ ನೆನಪಿಲ್ಲ. ನಾಲಗೆಯ ತುದಿಗೆ ಒಂದು ಒಳ್ಳೆಯ ಸಂಸ್ಕೃತ ಶಬ್ದ ಬಂತು. ಕೇಳಲು ಚೆನ್ನಾಗಿತ್ತು, ಯಾರೂ ಅನುಮಾನ ಪಡುತ್ತಿರಲಿಲ್ಲ.

"ಗೊತ್ತಿಲ್ದೆ ಇದ್ರೆ ಗೊತ್ತಿಲ್ಲ ಅಂತ ಏಳಿ ಸಾ," ಎಂದಳು ಇಂದ್ರಾಣಿ, ನನ್ನ ಕಡೆ ತಿರುಗದೆ.

"ಗೊತ್ತಿಲ್ಲ," ಎಂದೆ.

"ಅಜ್ಜೀ, ಇದ್ನ ಈಗ್ಲೇ ಒಡಿಬ್ಯಾಡಿ. ಕೇಳ್ಕಂಡು ಏಳ್ತೀವಿ." ಪೊಟ್ಟಣವನ್ನು ಬೇರೆ ಇಟ್ಟಳು. ಇನ್ನೊಬ್ಬಾಕೆಯ ಕೈಯಿಂದ ಡಬ್ಬಿ ತೆಗೆದುಕೊಂಡು ನನ್ನ ಮುಂದೆ ಹಿಡಿದಳು.

"ಓದಿ."