ಪಿಸುಮಾತು ಬಾರದ ಉಚ್ಚಂಗಮ್ಮ

ಐಮಂಗಲದ ಉಚ್ಚಂಗಮ್ಮನಿಗೆ ಪಿಸುಮಾತು ಬರುತ್ತಿರಲಿಲ್ಲ. ಎಳವೆಯಿಂದ ಕುರಿಗಳ ಹಿಂದೆ ಅಲೆದು, ಈ ದಿಬ್ಬದಿಂದ ಆ ದಿಬ್ಬಕ್ಕೆ ಕೂಗಿ ಮಾತಾಡಿ ಬಲಿತ ಕಂಠ ಅದು. ನಾಲ್ಕು ಗೋಡೆಗಳ ನಡುವೆ ಬಂದು ಕೂತಾಗಲೂ ತಾನು ಬಯಲಿನಲ್ಲಿಲ್ಲವೆಂಬ ಅರಿವು ಅದಕ್ಕೆ ಮೂಡುತ್ತಿರಲಿಲ್ಲ. ಸಾರಿಗೆ ಉಪ್ಪು ಸಾಲದೆಂದು ಸೊಸೆಯ ಕಿವಿಯಲ್ಲಿ ಹೇಳಿದರೆ ಪಕ್ಕದ ಮನೆಯವರು ಉಪ್ಪು ತಂದುಕೊಡುತ್ತಿದ್ದರು. ಸಾವಿನ ಮನೆಗೆ ಸಮಾಧಾನ ಹೇಳಲು ಹೋದರೂ ಬೀದಿಯಲ್ಲಿದ್ದವರಿಗೆ ಆಕೆ ಜಗಳಕ್ಕೆ ಬಂದಂತೆ ಕೇಳಿಸುತ್ತಿತ್ತು.

ನಡಿಗೆಯೂ ಹಾಗೆಯೇ. ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿ, ಗದ್ದ ಮುಂದೆ ಮಾಡಿ, ಹೊಲ ನೋಡಲು ಹೊರಟ ಗೌಡನ ಗತ್ತಿನಲ್ಲಿ ಬೀದಿಯ ನಡುಮಧ್ಯೆ ನಡೆಯುವಳು. ಮೈಮೇಲೆ ಸೀರೆಯ ಮೇಲೊಂದು ಖಾಕಿ ಕೋಟು. ದೊಡ್ಡ ರಸ್ತೆಗೆ ಡಾಂಬರು ಹಾಕಿದ ಕಾಲದಲ್ಲಿ ಗಂಡ ಓಬಣ್ಣ ರಾತ್ರಿ ಕಾವಲಿಗಿದ್ದು ಸಂಪಾದಿಸಿದ ಕೋಟು ಅದು. ಅವನು ತೀರಿಕೊಂಡ ಮೇಲೆ ಆಕೆ ಅದನ್ನು ತೊಟ್ಟವಳು ವೈಶಾಖದ ಬಿಸಿಲಿಗೂ ಕಳಚಲಿಲ್ಲ. ಅದರ ಬಲಗಿಸೆಯಲ್ಲಿ ಎಲೆಯಡಿಕೆ, ಎಡಗಿಸೆಯಲ್ಲಿ ಮೊಮ್ಮಕ್ಕಳಿಗೆಂದು ಹುರಿಗಡಲೆ. ಎದುರಿಗಿದ್ದವರು ಮಾತನ್ನು ಸುತ್ತಿಬಳಸತೊಡಗಿದರೆ ಆಕೆಗೆ ಮೈ ಉರಿಯುತ್ತಿತ್ತು. "ಹೌದಾದ್ರೆ ಹೌದನ್ನು, ಇಲ್ಲಾಂದ್ರೆ ಇಲ್ಲನ್ನು" ಎಂದು ಕಡಿದು ಹಾಕುವಳು. ಈ ಮಾತಿಗೆ ಹೆದರಿಯೇ ಎಷ್ಟೋ ಜನ ಆಕೆಯ ಜಗುಲಿಯನ್ನು ಬಳಸಿಕೊಂಡು ಹೋಗುತ್ತಿದ್ದರು.

ಆಕೆಗೆ ಇಬ್ಬರು ಗಂಡುಮಕ್ಕಳು. ಹಿರಿಯವನು ಉಗ್ರಪ್ಪ ಓದಿ, ಹಿರಿಯೂರಿನ ಕಚೇರಿಯೊಂದರಲ್ಲಿ ಗುಮಾಸ್ತನಾಗಿ, ಅಲ್ಲಿಯೇ ಬಾಡಿಗೆಮನೆ ಹಿಡಿದಿದ್ದ. ಕಿರಿಯವನು ಬೀರಪ್ಪ ಕುರಿಗಳೊಡನೆ ಊರಲ್ಲೇ ಉಳಿದ. ಒಂದು ಮುಂಜಾನೆ ಮಂದೆಯನ್ನು ದೊಡ್ಡ ರಸ್ತೆ ದಾಟಿಸುವಾಗ, ಹಿಂದೆ ಬಿದ್ದ ಮರಿಯೊಂದನ್ನು ಎತ್ತಿಕೊಳ್ಳಲು ತಿರುಗಿದವನು ಲಾರಿಗೆ ಸಿಕ್ಕಿ ಸತ್ತ. ಅವನ ಹೆಂಡತಿ ಹನುಮಮ್ಮನಿಗೆ ಆಗ ಇಪ್ಪತ್ತು ತುಂಬಿತ್ತೋ ಇಲ್ಲವೋ. ಕಂಕುಳಲ್ಲಿ ಹಾಲು ಬಿಡದ ಹೆಣ್ಣುಕೂಸು, ಕೆಂಚಕ್ಕ.

ಉಚ್ಚಂಗಮ್ಮನ ಕುಲದವರಲ್ಲಿ ಗಂಡ ಸತ್ತ ಹೆಣ್ಣಿಗೆ ಬದುಕು ಮುಗಿಯುತ್ತಿರಲಿಲ್ಲ. ಕುಲದ ನ್ಯಾಯ ನೋಡುವ ಕಟ್ಟೆಮನೆಯ ಹಿರಿಯರು ಕೂತು, ಒಪ್ಪಿದ ಗಂಡಿನಿಂದ ಹೊಸ ಸೀರೆ ಉಡಿಸಿ, ತಾಳಿ ಕಟ್ಟಿಸಿ, ಇನ್ನೊಂದು ಮನೆಗೆ ಕಳಿಸುವ ಕೂಡಿಕೆಯೆಂಬ ಪದ್ಧತಿ ತಲೆತಲಾಂತರದಿಂದ ಇತ್ತು. ಧಾರೆಯ ಮದುವೆಯ ಸಂಭ್ರಮ ಅದಕ್ಕಿಲ್ಲ ನಿಜ. ಹೊತ್ತು ಮುಳುಗಿದ ಮೇಲೆ, ಮುತ್ತೈದೆಯರ ಕಣ್ಣಿಗೆ ಬೀಳದಂತೆ, ಹಿತ್ತಿಲ ಕಡೆ ನಡೆಯುವ ಕಾರ್ಯ. ಆದರೂ ಬದುಕಿಗೆ ಅದೊಂದು ಬಾಗಿಲು. ಉಚ್ಚಂಗಮ್ಮನೇ ಆ ಬಾಗಿಲಿನಿಂದ ಬಂದವಳು. ತಾಳ್ಯದಲ್ಲಿ ಮೊದಲ ಗಂಡ ಸತ್ತ ಮೇಲೆ ಓಬಣ್ಣನಿಗೆ ಕೂಡಿಕೆಯಾಗಿ ಐಮಂಗಲಕ್ಕೆ ಬಂದಳು. ಉಗ್ರಪ್ಪ, ಬೀರಪ್ಪ ಇಬ್ಬರೂ ಆ ಕೂಡಿಕೆಯ ಮಕ್ಕಳು.

ಎಪ್ಪತ್ತರ ದಶಕ ಕಾಲಿಡುವಷ್ಟರಲ್ಲಿ ಈ ಬಾಗಿಲು ಮೆಲ್ಲಗೆ ಮುಚ್ಚಿಕೊಳ್ಳುತ್ತಿತ್ತು. ಯಾರೂ ಮುಚ್ಚಿರೆಂದು ಸಾರಲಿಲ್ಲ. ಪೇಟೆ ಸೇರಿ ಸಂಬಳ ಕಂಡ ಗಂಡಸರು, ಮೇಲಿನವರೆನಿಸಿಕೊಂಡವರ ಮನೆಗಳನ್ನು ನೋಡಿ ನೋಡಿ, ಅವರ ಹಾಗೆ ಲಗ್ನಪತ್ರಿಕೆ ಅಚ್ಚು ಹಾಕಿಸಿದರು, ಪುರೋಹಿತರನ್ನು ಕರೆಸಿದರು. ಹಿಂದೆಲ್ಲ ತೆರ ಕೊಟ್ಟು ಹೆಣ್ಣು ಕೇಳುತ್ತಿದ್ದ ಗಂಡಿನ ಕಡೆಯವರು ಈಗ ವಾಚು, ಸೈಕಲ್ಲುಗಳನ್ನು ಕಾಯುತ್ತ ಕೂತರು. ಅದೇ ಏಟಿಗೆ ಕೂಡಿಕೆಯೆಂಬುದು ಅವರ ನಾಲಗೆಗೆ ಅವಮಾನದ ಮಾತಾಯಿತು. ಉಗ್ರಪ್ಪನಂತೂ ತಾಯಿಯ ಹೆಸರಿಟ್ಟ ತನ್ನ ಮಗಳನ್ನೇ ಶಾಲೆಗೆ ಸೇರಿಸುವಾಗ ಉಷಾ ಎಂದು ಬರೆಸಿದ್ದ.

ಎಪ್ಪತ್ನಾಲ್ಕರ ಮಾಗಿಯಲ್ಲಿ ಜವನಗೊಂಡನಹಳ್ಳಿಯ ಪಾಲಣ್ಣ ಹನುಮಮ್ಮನನ್ನು ಕೇಳಿ ಹೇಳಿಕಳಿಸಿದ. ಹೆರಿಗೆಯಲ್ಲಿ ಹೆಂಡತಿಯನ್ನೂ ಕೂಸನ್ನೂ ಕಳೆದುಕೊಂಡವನು; ಮಿತಭಾಷಿ, ಕೆಲಸಗಾರ. ಉಚ್ಚಂಗಮ್ಮ ಒಲೆಯ ಮುಂದಿದ್ದ ಸೊಸೆಯನ್ನು ನೇರವಾಗಿ ಕೇಳಿದಳು.

"ಹನುಮಿ, ಪಾಲಣ್ಣ ಕೇಳ್ಯಾನೆ. ಹೋಗ್ತೀಯೋ?"

ಹನುಮಮ್ಮ ಒಲೆಯೊಳಕ್ಕೆ ಸೌದೆ ತಳ್ಳಿದಳು. "ಹೋಗ್ತೀನಿ ಅತ್ತೆ. ಆದ್ರೆ ಕೆಂಚಿನ ಬಿಟ್ಟು ಹೋಗಾಕಿಲ್ಲ" ಎಂದಳು.

ಕೂಡಿಕೆಯಾದ ಹೆಣ್ಣು ಮೊದಲ ಗಂಡನ ಮಕ್ಕಳನ್ನು ಅವನ ಮನೆಯಲ್ಲೇ ಬಿಟ್ಟು ಹೋಗಬೇಕೆಂಬುದು ಕಟ್ಟೆಮನೆಯ ಕಟ್ಟಳೆ. ಆ ಕಟ್ಟಳೆಗೆ ತಲೆಬಾಗಿ ಆಕೆಯೂ ತಾಳ್ಯದಲ್ಲಿ ಒಂದು ಗಂಡುಮಗುವನ್ನು ಬಿಟ್ಟು ಬಂದಿದ್ದಳು. ಎಲ್ಲವನ್ನೂ ಕೂಗಿ ಹೇಳುವ ಆಕೆ ಅದೊಂದನ್ನು ಮಾತ್ರ ಯಾರ ಮುಂದೆಯೂ ಎತ್ತಿದವಳಲ್ಲ.

ಆ ವಾರವೇ ಉಗ್ರಪ್ಪ ಬಸ್ಸಿಳಿದು ಬಂದ. ಉಷಾಳನ್ನು ನೋಡಲು ಹೊಸದುರ್ಗದ ಕಡೆಯ ಚಿತ್ರಲಿಂಗಪ್ಪನವರು ಬರುವವರಿದ್ದರು. ಅವರ ಮಗ ಹೈಸ್ಕೂಲು ಮೇಷ್ಟ್ರು, ಒಳ್ಳೆಯ ಮನೆತನ.

"ಅವ್ವ, ಕೈ ಮುಗೀತೀನಿ. ಲಗ್ನ ಆಗಾಗಂಟ ಹನುಮಿ ಕೂಡಿಕೆ ಮಾತು ಎತ್ಬ್ಯಾಡ. ನಿಂದೂ ಎತ್ಬ್ಯಾಡ. ಅವ್ರು ಅಂಥದ್ದೆಲ್ಲ ಒಪ್ಪೋ ಜನ ಅಲ್ಲ."

"ಆಮೇಲೆ ಮಾಡ್ತೀಯೇನು?"

"ಆಮೇಲೆ ನೋಡಾಣ."

ಆ 'ನೋಡಾಣ' ಎಂಬುದರೊಳಗೆ 'ಇಲ್ಲ' ಅಡಗಿದೆಯೆಂದು ಉಚ್ಚಂಗಮ್ಮನಿಗೆ ಗೊತ್ತಾಯಿತು. ಆದರೂ ಮೊಮ್ಮಗಳ ಮುಖ ಕಣ್ಮುಂದೆ ಬಂತು. ಆ ಹುಡುಗಿ ಮೇಷ್ಟರ ಫೋಟೋವನ್ನು ಕನ್ನಡಿಯ ಹಿಂದೆ ಸಿಕ್ಕಿಸಿಕೊಂಡಿದ್ದಾಳೆಂಬುದು ಆಕೆಗೆ ತಿಳಿದಿತ್ತು. "ಆತು, ಬಾಯಿ ಹೊಲ್ಕಂಡು ಕುಂತ್ಕಂತೀನಿ" ಎಂದು ಮಾತು ಕೊಟ್ಟಳು.

ಹಿರಿಯೂರಿನ ಮನೆಯಲ್ಲಿ ಹೆಣ್ಣು ನೋಡುವ ದಿನ ಆಕೆ ಕೋಟನ್ನೂ ಕಳಚಿ, ಇಸ್ತ್ರಿ ಸೀರೆ ಉಟ್ಟು, ಬಾಗಿಲ ಮೂಲೆಯಲ್ಲಿ ಕೂತಿದ್ದಳು. ಅಡುಗೆಯನ್ನೆಲ್ಲ ಮಾಡಿದವಳು ಹನುಮಮ್ಮ; ಆದರೆ ಬಂದವರ ಎದುರಿಗೆ ಬರಕೂಡದೆಂದು ಹಿರಿಯ ಸೊಸೆ ಅವಳನ್ನು ಒಳಗೇ ಉಳಿಸಿದ್ದಳು. ಗಂಡನಿಲ್ಲದವಳನ್ನು ಹೀಗೆ ಕತ್ತಲ ಕೋಣೆಗೆ ತಳ್ಳುವ ಪದ್ಧತಿ ತಮ್ಮ ಮನೆಯೊಳಕ್ಕೆ ಯಾವಾಗ ನುಗ್ಗಿತೆಂದು ಉಚ್ಚಂಗಮ್ಮ ಯೋಚಿಸುತ್ತಲೇ ಇದ್ದಳು. ಬಾಯಿ ಮಾತ್ರ ತೆರೆಯಲಿಲ್ಲ. ಚಿತ್ರಲಿಂಗಪ್ಪ ಸೌಮ್ಯ ಮನುಷ್ಯ. ಉಷಾ ಕಾಫಿ ತಂದಿಟ್ಟಳು, ಕೇಳಿದ್ದಕ್ಕೆ ಉತ್ತರ ಕೊಟ್ಟಳು. ಮೇಷ್ಟರ ಮುಖದಲ್ಲಿ ಸಮ್ಮತಿಯ ಕಳೆ ಆಗಲೇ ಮೂಡಿತ್ತು. ಇನ್ನೇನು ಎಲೆಯಡಿಕೆ ತಟ್ಟೆ ಬರಬೇಕು, ಅಷ್ಟರಲ್ಲಿ ಕೆಂಚಿ ಒಳಗಿನಿಂದ ಓಡಿಬಂದು ಉಗ್ರಪ್ಪನ ಮೊಣಕಾಲನ್ನು ತಬ್ಬಿಕೊಂಡಿತು.

"ಈ ಕೂಸು ಯಾರ್ದು?" ಚಿತ್ರಲಿಂಗಪ್ಪ ನಗುತ್ತ ಕೇಳಿದರು.

ಉಗ್ರಪ್ಪ ಮಗುವಿನ ಕೈಗಳನ್ನು ಬಿಡಿಸಿದ. "ಕೆಲಸದವಳ ಮಗು. ಲೇ, ಒಳಗೆ ಹೋಗು."

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತುಹೋಯಿತು. ಉಗ್ರಪ್ಪ ತಾಯಿಯ ಕಡೆ ನೋಡಿದ. ಆ ನೋಟದಲ್ಲಿ ಬೇಡಿಕೆಯಿತ್ತು, ಎಚ್ಚರಿಕೆಯಿತ್ತು, ಎಲ್ಲಕ್ಕಿಂತ ಹೆಚ್ಚಾಗಿ ಭಯವಿತ್ತು. ಉಚ್ಚಂಗಮ್ಮ ಸೆರಗಿನ ಅಂಚನ್ನು ಮುಷ್ಟಿಯಲ್ಲಿ ಹಿಂಡಿದಳು. ಇನ್ನೊಂದು ಗಳಿಗೆ ತಡೆದುಕೊಂಡಿದ್ದರೆ ಮೊಮ್ಮಗಳ ಲಗ್ನ ನಿಶ್ಚಯವಾಗುತ್ತಿತ್ತು. ಆದರೆ ಬಾಗಿಲ ಸಂದಿಯಲ್ಲಿ ನಿಂತ ಹನುಮಮ್ಮನ ಮುಖ ಆಕೆಯ ಕಣ್ಣಿಗೆ ಬಿತ್ತು.

"ಕೆಲಸದವಳದ್ದಲ್ಲ ಕಣ್ರಿ," ಎಂದಳು. ಬೀದಿಯವರೆಗೂ ಕೇಳಿಸಿತು. "ಸತ್ತ ನನ್ನ ಮಗ ಬೀರಪ್ಪಂದು. ಇವಳವ್ವ ಒಳಗವಳೆ, ನೀವು ತಿಂದ ಉಪ್ಪಿಟ್ಟು ಮಾಡ್ದಾಕಿ. ಜವನಗೊಂಡನಳ್ಳಿಗೆ ಕೂಡಿಕೆ ಮಾಡಿ ಕೊಡ್ತಾ ಇದೀವಿ. ನಾನೂ ಕೂಡಿಕೆಯಾಗಿ ಬಂದಾಕೀನೇ, ಇವ್ನೂ ಕೂಡಿಕೆಗೆ ಹುಟ್ಟಿದ ಮಗನೇ. ತಿಳ್ಕಂಡು ಸಂಬಂಧ ಮಾಡ್ರಿ."

ಉಷಾ ತಟ್ಟೆ ಹಿಡಿದು ನಿಂತವಳು ಹಾಗೆಯೇ ಒಳಗೆ ಹೋದಳು. ಮೇಷ್ಟರು ನೆಲ ನೋಡಿದರು. ಚಿತ್ರಲಿಂಗಪ್ಪ ನಿಧಾನವಾಗಿ ಎದ್ದು, ಮೆಟ್ಟು ಹಾಕಿಕೊಳ್ಳುತ್ತ, ಉಚ್ಚಂಗಮ್ಮನ ಹತ್ತಿರ ಬಗ್ಗಿ, ಮಗನಿಗೆ ಕೇಳಿಸದಂತೆ, "ನಮ್ಮವ್ವನೂ ಹಂಗೇ ಬಂದಾಕಿ ಕಣಮ್ಮ" ಎಂದರು. ಆಮೇಲೆ ಗಟ್ಟಿಯಾಗಿ, "ಊರಿಗೆ ಹೋಗಿ ತಿಳಿಸ್ತೀವಿ" ಎಂದು ಹೊರಟರು. ಅವರು ಏನನ್ನೂ ತಿಳಿಸಲಿಲ್ಲ.

ಉಗ್ರಪ್ಪ ತಾಯಿಯೊಡನೆ ಮಾತು ಬಿಟ್ಟ. ಆದರೆ ಹನುಮಮ್ಮನ ಕೂಡಿಕೆಗೆಂದು ಐಮಂಗಲದಲ್ಲಿ ಕಟ್ಟೆಮನೆ ಸೇರಿದ ದಿನ ಎಲ್ಲರಿಗಿಂತ ಮೊದಲೇ ಬಂದು ಕೂತಿದ್ದ. ಹಿರಿಯ ದೊಡ್ಡತಿಮ್ಮಪ್ಪ ಎರಡೂ ಕಡೆಯವರ ಮಾತು ಕೇಳಿ, "ಕೂಡಿಕೆ ಆಗ್ಲಿ, ತಕರಾರಿಲ್ಲ. ಕೂಸು ಮಾತ್ರ ಬೀರಪ್ಪನ ಮನೇದು, ಇಲ್ಲೇ ಇರ್ಲಿ" ಎಂದ. ಉಗ್ರಪ್ಪ ತಟ್ಟನೆ, "ಹೌದು, ನಮ್ಮ ಕೂಸು ನಮ್ಮನೇಲೇ ಇರ್ಬೇಕು. ಕಟ್ಟಳೆ ಅಂದ್ರೆ ಕಟ್ಟಳೆ" ಎಂದ. ಕೂಸು ಹೋಗದಿದ್ದರೆ ತಾಯಿ ಹೋಗಲಾರಳೆಂಬುದು ಅವನಿಗೆ ಗೊತ್ತಿತ್ತು. ಪಾಲಣ್ಣ ತಲೆ ತಗ್ಗಿಸಿದ. ಹನುಮಮ್ಮ ಮಗುವನ್ನು ಎಷ್ಟು ಬಿಗಿಯಾಗಿ ಅಪ್ಪಿಕೊಂಡಳೆಂದರೆ ಅದು ಅಳತೊಡಗಿತು.

ಮೊನ್ನೆ ಕೆಲಸದವಳ ಮಗುವಾಗಿದ್ದದ್ದು ಇವತ್ತು ನಿನ್ನ ಮನೆಯ ಮಗುವಾಯಿತೇ ಎಂಬ ಪ್ರಶ್ನೆ ಉಚ್ಚಂಗಮ್ಮನ ನಾಲಗೆಯ ತುದಿಗೆ ಬಂತು. ಉಗ್ರಪ್ಪನೂ ಅದನ್ನೇ ಕಾಯುತ್ತಿದ್ದವನಂತೆ ಮುಖ ಕಪ್ಪಿಟ್ಟು ಕೂತಿದ್ದ. ಒಮ್ಮೆ ಮಗನ ಬದುಕನ್ನು ಬಯಲಿಗೆ ಎಳೆದದ್ದು ಸಾಕೆನ್ನಿಸಿತೇನೋ, ಆಕೆ ಅದನ್ನು ನುಂಗಿದಳು. ಎದ್ದು ನಿಂತು ದೊಡ್ಡತಿಮ್ಮಪ್ಪನ ಕಡೆ ತಿರುಗಿದಳು.

"ತಿಮ್ಮಣ್ಣ, ನಿಮ್ಮ ಕಟ್ಟಳೆ ಕೇಳಿ ನಾನು ತಾಳ್ಯದಾಗೆ ನನ್ನ ಮಗನ್ನ ಬಿಟ್ಟು ಬಂದೆ. ಆಗಿನ್ನೂ ತಪ್ಪು ಹೆಜ್ಜೆ ಇಕ್ತಿದ್ದ. ಎಷ್ಟೋ ವರ್ಷ ಕಳೆದ ಮ್ಯಾಲೆ ಹೊಳಲ್ಕೆರೆ ಸಂತೇಲಿ ಕಂಡ, ಮೀಸೆ ಬಂದಿತ್ತು. ಕೈ ಹಿಡ್ಕಂಡೆ. 'ಯಾರಮ್ಮ ನೀನು, ದಾರಿ ಬಿಡು' ಅಂದ. ಬಿಟ್ಟೆ." ಆಕೆ ಅಳುತ್ತಿದ್ದ ಕೆಂಚಿಯ ಕಡೆ ಕೈ ತೋರಿದಳು. "ಈ ಕೂಸಿನ ಮ್ಯಾಲೆ ಹಕ್ಕಿರೋ ಮನೆ ನಂದು. ನಾನು ಬಿಟ್ಟುಕೊಡ್ತಾ ಇದೀನಿ. ಬ್ಯಾಡ ಅನ್ನೋರು ಯಾರು, ಎದ್ದು ನಿಂತ್ಕಳ್ರಿ."

ದೊಡ್ಡತಿಮ್ಮಪ್ಪ ಸುತ್ತ ನೋಡಿದ. ಯಾರೂ ಏಳಲಿಲ್ಲ. ಉಗ್ರಪ್ಪ ತಾಯಿಯನ್ನೇ ನೋಡುತ್ತಿದ್ದ. ತನಗೊಬ್ಬ ಅಣ್ಣನಿದ್ದಾನೆಂದು ಅವನಿಗೆ ತಿಳಿದದ್ದೇ ಆಗ. ಅವನು ಒಪ್ಪಿದೆನೆನ್ನಲಿಲ್ಲ, ತಡೆಯಲೂ ಇಲ್ಲ. ಎದ್ದು ಬಸ್ಸಿನ ಕಡೆ ನಡೆದುಬಿಟ್ಟ.

"ಕೂಸು ಹೋಗ್ಲಿ," ಎಂದ ದೊಡ್ಡತಿಮ್ಮಪ್ಪ. "ಸೀರೆ ಮಾತ್ರ ಹೊತ್ತು ಮುಳುಗಿದ ಮ್ಯಾಲೇ ಉಡಿಸ್ಬೇಕು."

"ಬೆಳಕಿನಾಗೆ ಉಡಿಸಿದ್ರೆ ಏನಾಗ್ತೈತೆ? ಕಳ್ಳತನ ಮಾಡ್ತಾ ಇದೀವೇನು?"

ಈ ಮಾತಿಗೆ ಮಾತ್ರ ಆತ ಜಗ್ಗಲಿಲ್ಲ. ಉಚ್ಚಂಗಮ್ಮ ಮುಸ್ಸಂಜೆಯವರೆಗೂ ಜಗಳವಾಡಿದಳು. ಅಷ್ಟರಲ್ಲಿ ಹೊತ್ತು ತಾನಾಗಿಯೇ ಮುಳುಗಿತು. ಹನುಮಮ್ಮ ಹಸಿರು ಸೀರೆಯುಟ್ಟು, ನಿದ್ದೆ ಹೋದ ಮಗುವನ್ನು ಹೆಗಲಿಗೆ ಹಾಕಿಕೊಂಡು ಪಾಲಣ್ಣನ ಗಾಡಿ ಹತ್ತಿದಳು. ಹತ್ತುವ ಮೊದಲು ಅತ್ತೆಯ ಕಾಲು ಹಿಡಿದು ಬಿಕ್ಕಿದಳು. "ಏಳೇ, ಎತ್ತು ಕಾಯ್ತಾ ಅವೆ" ಎಂದು ಗದರಿಸಿದ ಉಚ್ಚಂಗಮ್ಮ, ಗಾಡಿ ಕಣ್ಮರೆಯಾದ ಮೇಲೂ ಬಹಳ ಹೊತ್ತು ಅಲ್ಲಿಯೇ ನಿಂತಿದ್ದಳು.

ಉಷಾಳಿಗೆ ಆಮೇಲೆ ಬಂದ ಸಂಬಂಧಗಳೆಲ್ಲ ಕೂಡಿಕೆಯ ಮಾತಿಗೆ ಬಂದು ಮುರಿದವು. ಪೇಟೆಯ ಗಂಡು ಬೇಕೆಂದು ಹಟ ಹಿಡಿದಿದ್ದ ಉಗ್ರಪ್ಪ ಕೊನೆಗೆ ಹಳೆಯ ದಾರಿಗೇ ಬಂದು, ಅವಳನ್ನು ಅವಳ ಸೋದರಮಾವನಿಗೆ ಕೊಟ್ಟ. ವಯಸ್ಸಿನಲ್ಲಿ ಬಹಳ ಹಿರಿಯವನು, ಕೆಟ್ಟವನಲ್ಲ, ಅಷ್ಟೇ. ಮದುವೆಯಾದ ಮೇಲೊಮ್ಮೆ ಐಮಂಗಲಕ್ಕೆ ಬಂದ ಉಷಾ, ಅಜ್ಜಿ ಕೊಟ್ಟ ಹುರಿಗಡಲೆಯನ್ನು ತಿನ್ನದೆ ಅಂಗೈಯಲ್ಲೇ ಹಿಡಿದು ಕೂತಳು.

"ಅಜ್ಜಿ, ನಿನ್ನ ಬಾಯಿಂದ ಚಿಕ್ಕಮ್ಮಂಗೆ ಬದುಕು ಸಿಕ್ತು. ನನಗೇನು ಸಿಕ್ತು?"

ಉಚ್ಚಂಗಮ್ಮ ಸಮರ್ಥಿಸಿಕೊಳ್ಳಲಿಲ್ಲ. ನಿನ್ನ ಮೇಷ್ಟ್ರು ಗಟ್ಟಿಯಿದ್ದಿದ್ದರೆ ನಿಲ್ಲುತ್ತಿದ್ದನೆಂದು ಹೇಳಬಹುದಿತ್ತು, ಹೇಳಲಿಲ್ಲ. "ನಿಂದು ನಾನೇ ಕೆಡಿಸ್ದೆ ಕಣವ್ವ" ಎಂದಳು. ಉಷಾ ಅಳಲಿಲ್ಲ, ಕ್ಷಮಿಸಲೂ ಇಲ್ಲ. ಇಬ್ಬರೂ ಬಸ್ಸಿನ ಹೊತ್ತಾಗುವವರೆಗೆ ಜಗುಲಿಯ ಮೇಲೆ ಪಕ್ಕಪಕ್ಕದಲ್ಲೇ ಕೂತಿದ್ದರು.

ಒಂದು ಜನಾಂಗ ಮೇಲೇರತೊಡಗಿದಾಗ ಕೈಯಲ್ಲಿದ್ದ ಕೆಲವನ್ನು ಕೆಳಗೆ ಹಾಕಿಯೇ ಏರುತ್ತದೆ. ಹಾಕಿದ್ದರಲ್ಲಿ ಕಸವೆಷ್ಟು, ಕಾಳೆಷ್ಟು ಎಂದು ತಿರುಗಿ ನೋಡುವ ವ್ಯವಧಾನ ಏರುವವರಿಗೆ ಇರುವುದಿಲ್ಲ. ಆ ಹೊತ್ತಿನಲ್ಲಿ ದಾರಿಗಡ್ಡ ನಿಂತು 'ಇದನ್ನೇಕೆ ಬಿಸಾಡಿದಿರಿ' ಎಂದು ಕೇಳುವವರು ಪ್ರತಿ ಕುಲದಲ್ಲೂ ಒಬ್ಬಿಬ್ಬರು ಹುಟ್ಟುತ್ತಾರೆ. ಅವರಿಗೆ ನಯವಿರುವುದಿಲ್ಲ, ಕಾಲಜ್ಞಾನವಿರುವುದಿಲ್ಲ; ಅವರು ಹೇಳಿದ ಸತ್ಯಕ್ಕೆ ಬೆಲೆ ತೆರುವವರು ಬಹಳ ಸಲ ಬೇರೆಯವರೇ. ಆದ್ದರಿಂದ ಇಂಥವರನ್ನು ಹತ್ತಿರವಿಟ್ಟುಕೊಂಡು ಪ್ರೀತಿಸುವುದು ಮನೆಯವರಿಗೆ ಕಷ್ಟ. ಇಂಥವರೊಬ್ಬರೂ ಇಲ್ಲದ ಮನೆಯಲ್ಲಿ, ಬಾಗಿಲ ಸಂದಿಯಲ್ಲಿ ನಿಂತವರು ಬದುಕುವುದು ಇನ್ನೂ ಕಷ್ಟ.