ಎರಡು ಚಮಚ ಬಿಸಿನೀರು

ನನ್ನ ಗಂಡನ ಅಕ್ಕನಿಗೆ ನನ್ನನ್ನು ಕಂಡರೆ ಆಗುವುದಿಲ್ಲ. ನನಗೂ ಅವರನ್ನು ಕಂಡರೆ ಅಷ್ಟಕ್ಕಷ್ಟೇ. ಮದುವೆಯಾದಾಗಿನಿಂದ ನಾವಿಬ್ಬರೂ ಒಮ್ಮತಕ್ಕೆ ಬಂದಿರುವ ವಿಷಯ ಇದೊಂದೇ.

ಅವರು ಹುಡುಗಿಯರ ಹಾಸ್ಟೆಲ್ಲಿನಲ್ಲಿ ವಾರ್ಡನ್ ಆಗಿದ್ದವರು. ಕೆಲಸದಿಂದ ನಿವೃತ್ತರಾದರೂ ಗಂಟಲು ಇನ್ನೂ ನಿವೃತ್ತವಾಗಿಲ್ಲ. ಹುಡುಗಿಯನ್ನು ನೋಡಲು ನಮ್ಮ ಮನೆಗೆ ಬಂದಾಗಲೆಲ್ಲ ಒಂದು ಸ್ಟೀಲ್ ಡಬ್ಬಿ ತರುತ್ತಾರೆ. ಅದರ ತುಂಬ ಅವರೇ ಮಾಡಿದ ಚಾಕಲೇಟ್ ಬಾರ್. ಕೆಳಗೆ ಬಿಸ್ಕತ್ತಿನ ಪುಡಿ ಹಾಕಿ ಕಲಸಿದ ಪೀನಟ್ ಬಟರ್, ಮೇಲೆ ಮುಖ ನೋಡಿಕೊಳ್ಳುವಷ್ಟು ನುಣ್ಣನೆಯ ಚಾಕಲೇಟ್. ಓವನ್ ಬೇಡ, ಬೇಯಿಸುವ ಗೋಜಿಲ್ಲ, ಫ್ರಿಜ್ಜಿನಲ್ಲಿಟ್ಟರೆ ತಾನಾಗಿ ಗಟ್ಟಿಯಾಗುತ್ತದೆ. ಡಬ್ಬಿಯನ್ನು ಹುಡುಗಿಯ ಕೈಗೆ ಕೊಟ್ಟು, ನನ್ನ ಕಡೆ ತಿರುಗಿ, "ನಿನ್ನ ಕೈಲಿ ಇದೆಲ್ಲ ಆಗಲ್ಲ ಬಿಡು" ಅನ್ನುತ್ತಾರೆ. ಪ್ರತಿ ಸಲವೂ ಅದೇ ಮಾತು, ಅದೇ ನಗು.

ಹುಡುಗಿ ನನ್ನ ಗಂಡನ ಮೊದಲ ಹೆಂಡತಿಯ ಮಗಳು. ಹೆತ್ತವಳು ತೀರಿಕೊಂಡ ಮೇಲೆ ಈ ಅತ್ತೆಯ ಮನೆಯಲ್ಲೇ ಬೆಳೆದಳು. ಚೋಟುದ್ದ ಇದ್ದಾಗ ಚೋಟಿ ಅಂತ ಕರೆದರಂತೆ. ಈಗ ನನಗೆ ಸ್ಟೂಲ್ ಬೇಕಾಗುವ ಶೆಲ್ಫಿನಿಂದ ಅವಳು ನಿಂತಲ್ಲೇ ಡಬ್ಬ ಇಳಿಸುತ್ತಾಳೆ, ಹೆಸರು ಮಾತ್ರ ಬೆಳೆದಿಲ್ಲ. ಈ ರಜೆಗೆ ನಮ್ಮಲ್ಲಿಗೆ ಬಂದಿದ್ದಳು. ರಜೆ ಮುಗಿಯುವ ಭಾನುವಾರ ಸಂಜೆ ಅತ್ತೆ ಬಂದು ಎಲ್ಲರೆದುರು ಕೇಳುವುದು, ಇಲ್ಲಿರ್ತೀಯಾ ಇಲ್ಲ ನನ್ನ ಜೊತೆ ಬರ್ತೀಯಾ ಅಂತ. ಚೋಟಿ ಏನು ಹೇಳಿದರೆ ಅದೇ ಕೊನೆ ಮಾತು. ಹಾಗಂತ ಅಕ್ಕ ತಮ್ಮ ಕೂತು ಮಾತಾಡಿಕೊಂಡಿದ್ದರು. ನನ್ನನ್ನು ಯಾರೂ ಕೇಳಿರಲಿಲ್ಲ.

ಇವತ್ತು ಆ ಭಾನುವಾರ. ನನ್ನ ಗಂಡ ಬಸ್ ಡ್ರೈವರ್. ವಾರದ ರಜೆ ಇದ್ದರೂ ಯಾರದ್ದೋ ಡ್ಯೂಟಿ ಕೇಳಿ ಹಾಕಿಸಿಕೊಂಡು ಬೆಳಗ್ಗೆಯೇ ಕಾಲಿಗೆ ಬುದ್ಧಿ ಹೇಳಿದ್ದರು. ಅಷ್ಟು ದೊಡ್ಡ ಬಸ್ಸನ್ನು ಸಂದಿಯಲ್ಲಿ ತಿರುಗಿಸುವ ಗಂಡಸಿಗೆ ಅಕ್ಕನೆದುರು ನಾಲಿಗೆ ತಿರುಗುವುದಿಲ್ಲ.

ರಜೆಯುದ್ದಕ್ಕೂ ಚೋಟಿ ನನಗೆ ಎದುರು ಮಾತಾಡಲಿಲ್ಲ. ಒಂದು ಕೆಟ್ಟ ಮಾತು ಆಡಲಿಲ್ಲ. ಅವಳ ಕೈಯಲ್ಲಿದ್ದದ್ದು ಒಂದೇ ಆಯುಧ, 'ನೀವು'. "ನೀವು ಟಿವಿ ಸೌಂಡ್ ಕಮ್ಮಿ ಮಾಡ್ತೀರಾ?" "ನೀವು ನನ್ನ ಟವೆಲ್ ಮುಟ್ಟಬೇಡಿ." ಅಪ್ಪನಿಗೆ ನೀನು. ಅತ್ತೆಗೆ ನೀನು. ನನಗೂ ಗ್ಯಾಸ್ ಸಿಲಿಂಡರ್ ಹೊತ್ತು ತರುವವನಿಗೂ ನೀವು. ಇದನ್ನು ಹೇಳಿಕೊಟ್ಟವರು ಯಾರೆಂದು ಹುಡುಕಬೇಕಾಗಿಲ್ಲ, ನನ್ನೆದುರೇ ಹೇಳಿಕೊಟ್ಟಿದ್ದರು. "ಅಮ್ಮ ಗಿಮ್ಮ ಏನೂ ಬೇಡ. ಹೊರಗಿನವರಿಗೆ ಬಹುವಚನ ಹಾಕಿ ಮಾತಾಡ್ಬೇಕು ಪುಟ್ಟಾ, ಅದು ಮರ್ಯಾದೆ."

ಅವಳು ನನಗೆ ಬೇಕಿತ್ತು. ಮೊದಮೊದಲು ನಾದಿನಿಯ ಮುಖ ಇಳಿಯಲಿ ಅಂತ ಬೇಕಿತ್ತು, ಸುಳ್ಳೇಕೆ ಹೇಳಲಿ. ಆಮೇಲೆ ಸುಮ್ಮನೆ ಬೇಕೆನಿಸಿತು. ನಾನು ಕೆಲಸ ಮಾಡುವುದು ಕನ್ನಡಕದ ಅಂಗಡಿಯಲ್ಲಿ. ಗೋಡೆಯ ಮೇಲಿನ ಅಕ್ಷರ ಕಾಣದಿದ್ದರೂ ಕಾಣುತ್ತೆ ಅಂತ ಸಾಧಿಸುವವರನ್ನು ದಿನವೂ ನೋಡುತ್ತೇನೆ. ಇವಳು ಬಂದ ದಿನವೇ ಕಣ್ಣು ಕಿರಿದು ಮಾಡಿ ಗಡಿಯಾರ ನೋಡುತ್ತಿದ್ದಳು. ಹಳೆ ಕನ್ನಡಕದ ನಂಬರ್ ಯಾವಾಗಲೋ ಬದಲಾಗಿದೆ, ಅಷ್ಟೊಂದು ಮರ್ಯಾದೆ ಕಲಿಸಿದವರು ಅದನ್ನು ಗಮನಿಸಿಯೇ ಇಲ್ಲ. ಅಂಗಡಿಗೆ ಎಳೆದುಕೊಂಡು ಹೋಗಿ ಹೊಸ ಕನ್ನಡಕ ಮಾಡಿಸಿದೆ. ಥ್ಯಾಂಕ್ಸ್ ಅನ್ನಲಿಲ್ಲ. ಅದನ್ನೇ ಹಾಕಿಕೊಂಡು ನನ್ನನ್ನು ಇನ್ನೂ ಚೆನ್ನಾಗಿ ದುರುಗುಟ್ಟಿ ನೋಡತೊಡಗಿದಳು.

ಇವತ್ತು ನಾದಿನಿ ಬರುವ ಹೊತ್ತಿಗೆ ಅವರ ಬಾರನ್ನೇ ಮಾಡಿ ಅವರ ಮುಂದಿಡಬೇಕು ಅಂತ ನಾನು ಹಟ ಹಿಡಿದಿದ್ದೆ. ಹಿಂದಿನ ದಿನ ಫೋನ್ ಮಾಡಿ, ಸೊಕ್ಕು ನುಂಗಿಕೊಂಡು, ಹೇಗೆ ಮಾಡೋದು ಅಕ್ಕಾ ಅಂತ ಕೇಳಿದ್ದೆ. ಕೂಡಲೇ ಹೇಳಿದರು. ಅಳತೆ ಹೇಳಿದರು, ಬಿಸ್ಕತ್ತು ಯಾವುದು, ಬೆಣ್ಣೆ ಎಷ್ಟು, ಎಲ್ಲ ಬಿಡಿಸಿ ಹೇಳಿದರು. "ಚಾಕಲೇಟ್ ಕರಗಿದ ಮೇಲೆ ಎರಡು ಚಮಚ ಬಿಸಿನೀರು ಹಾಕು ಕಣೇ. ಆ ಹೊಳಪು ಬರೋದೇ ಅದರಿಂದ" ಅಂದರು. ಅಷ್ಟು ಅಕ್ಕರೆಯಿಂದ ಹೇಳಿದಾಗಲೇ ನನಗೆ ಅನುಮಾನ ಬರಬೇಕಿತ್ತು.

ಬಿಸ್ಕತ್ತನ್ನು ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಲಟ್ಟಣಿಗೆಯಲ್ಲಿ ಜಜ್ಜಿದೆ. ಯಾರ ಮುಖ ನೆನೆಸಿಕೊಂಡು ಜಜ್ಜಿದೆ ಅಂತ ಬೇರೆ ಹೇಳಬೇಕಿಲ್ಲ. ಕರಗಿದ ಬೆಣ್ಣೆ, ಸಕ್ಕರೆ ಪುಡಿ, ಪೀನಟ್ ಬಟರ್ ಹಾಕಿ ಕಲಸಿ, ಬಟರ್ ಪೇಪರ್ ಹಾಸಿದ ಟ್ರೇಗೆ ಸುರಿದು, ಲೋಟದ ತಳದಿಂದ ಒತ್ತಿ ಸಮ ಮಾಡಿ ಫ್ರಿಜ್ಜಿಗಿಟ್ಟೆ. ಚೋಟಿ ಊಟದ ಮೇಜಿನ ಹತ್ತಿರ ಕಾಲು ಮಡಿಸಿಕೊಂಡು ಕೂತಿದ್ದಳು. ಕೈಯಲ್ಲಿ ಫೋನು, ಕಣ್ಣು ನನ್ನ ಮೇಲೆ.

"ನೀವು ಮೂಲೆ ಸರಿಯಾಗಿ ಒತ್ತಿಲ್ಲ" ಅಂದಳು.

"ಬಂದು ನೀನೇ ಒತ್ತು."

"ನಿಮ್ಮ ಅಡುಗೆಮನೆ. ನಾನ್ಯಾಕೆ ಮುಟ್ಲಿ?"

ಕುದಿಯುವ ನೀರಿನ ಪಾತ್ರೆಯ ಮೇಲೆ ಬಟ್ಟಲಿಟ್ಟು ಚಾಕಲೇಟ್ ಕರಗಿಸಿದೆ. ಎಷ್ಟು ಚೆನ್ನಾಗಿ ಕರಗಿತೆಂದರೆ ನನಗೇ ನನ್ನ ಮೇಲೆ ಪ್ರೀತಿ ಬಂತು. ನಲ್ಲಿಯಿಂದ ಎರಡು ಚಮಚ ನೀರು ಹಿಡಿದು ಅದಕ್ಕೆ ಹಾಕಿದೆ.

ಎರಡು ಸುತ್ತು ತಿರುವುವಷ್ಟರಲ್ಲಿ ಚಾಕಲೇಟ್ ಮುದುಡಿಕೊಂಡಿತು. ನುಣ್ಣಗಿದ್ದದ್ದು ಒದ್ದೆ ಮಣ್ಣಿನ ಹಾಗೆ ಉಂಡೆಯುಂಡೆಯಾಗಿ ಚಮಚಕ್ಕೆ ಅಂಟಿತು. ಉಜ್ಜಿದೆ, ಕುಟ್ಟಿದೆ, ಉರಿ ಜಾಸ್ತಿ ಮಾಡಿದೆ. ಇನ್ನಷ್ಟು ಕೆಟ್ಟಿತು. ತಲೆಯೆತ್ತಿ ನೋಡಿದರೆ ಚೋಟಿ ಫೋನಿನಲ್ಲಿ ಮುಖ ಹುದುಗಿಸಿದ್ದಳು. ಫೋನಿನ ಪರದೆ ಕಪ್ಪಗಿತ್ತು. ಕಂಡೂ ಕಾಣಲಿಲ್ಲ ಅನ್ನುವವರ ಮುಖ ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು?

"ಇದು ಹೀಗಾಗುತ್ತೆ ಅಂತ ನಿನಗೆ ಗೊತ್ತಿತ್ತು."

"ನೀವು ಕೇಳಲಿಲ್ಲ."

"ಬಾಯಿಬಿಟ್ಟು ಹೇಳೋಕೆ ಏನಾಗಿತ್ತು ರೋಗ? ಕೂತ್ಕೊಂಡು ತಮಾಷೆ ನೋಡ್ತಿದ್ದೀಯಾ?"

"ನೀವು ಯಾಕೆ ಇದನ್ನೇ ಮಾಡ್ಬೇಕು? ಅದು ಅತ್ತೆದು. ಎಲ್ಲಾನೂ ನಿಮ್ಮದು ಮಾಡ್ಕೋಬೇಕಾ?"

ನನ್ನ ಮೈ ಉರಿದುಹೋಯಿತು. ಚಮಚವನ್ನು ಸಿಂಕಿಗೆ ಎಸೆದೆ. ಚಾಕಲೇಟ್ ಮೆತ್ತಿದ್ದ ಅದು ಗೋಡೆಗೆ ಬಡಿದು ಹಲ್ಲಿಯ ಹಾಗೆ ಒಂದು ಕ್ಷಣ ಕೂತು ಬಿತ್ತು. "ಹೋಗು" ಅಂದೆ. "ಹೋಗಿ ಬ್ಯಾಗ್ ತುಂಬ್ಕೋ. ಸಂಜೆವರೆಗೂ ಯಾಕೆ ಕಾಯ್ತೀಯ? ಈಗಲೇ ಫೋನ್ ಮಾಡಿ ಕರೆಸ್ಕೋ ನಿಮ್ಮತ್ತೆನ."

ಕನ್ನಡಕದ ಹಿಂದೆ ಅವಳ ಕಣ್ಣು ಒಂದು ಸಲ ದೊಡ್ಡದಾಯಿತು. ಎದ್ದು ರೂಮಿಗೆ ಹೋಗಿ ಬಾಗಿಲು ಬಡಿದಳು. ಸ್ವಲ್ಪ ಹೊತ್ತಿಗೆ ಕಪಾಟು ತೆಗೆದು ಹಾಕುವ ಸದ್ದು, ಆಮೇಲೆ ಜಿಪ್ಪಿನ ಸದ್ದು. ಆಡಿದ ಮಾತು ವಾಪಸು ಬರುವುದಿಲ್ಲ. ಹೋಗಿ ಬಾಗಿಲು ತಟ್ಟಬಹುದಿತ್ತು. ನಾನು ತಟ್ಟಲಿಲ್ಲ, ಗೋಡೆ ಒರೆಸಿದೆ. ಒರೆಸುತ್ತಾ ಅಳು ಬಂತು, ಅದು ಬಂದದ್ದಕ್ಕೆ ಇನ್ನೂ ಸಿಟ್ಟು ಬಂತು.

ಮೇಲೆ ತುರಿದು ಉದುರಿಸಲು ಅಂತ ಒಂದು ಚಾಕಲೇಟ್ ಗಟ್ಟಿಯನ್ನು ಎತ್ತಿಟ್ಟಿದ್ದೆ. ಮನೆಯಲ್ಲಿ ಉಳಿದದ್ದು ಅದೊಂದೇ. ಬೇರೆ ಬಟ್ಟಲಿಟ್ಟು ಅದನ್ನು ಕರಗಿಸುತ್ತಾ ಯೋಚಿಸಿದೆ. ನಾದಿನಿ ಹೇಳಿದ್ದು ಬಿಸಿನೀರು, ನಾನು ಹಾಕಿದ್ದು ನಲ್ಲಿ ನೀರು. ತಪ್ಪು ನನ್ನದೇ. ಅವರಿಗೆ ಮನಸ್ಸಿನಲ್ಲಿ ಬೈದದ್ದಕ್ಕೆ ಪೆಚ್ಚೆನಿಸಿತು. ಈ ಸಲ ಪುಟ್ಟ ಪಾತ್ರೆಯಲ್ಲಿ ನೀರನ್ನು ಕೊತಕೊತ ಕುದಿಸಿದೆ. ಚಮಚ ತುಂಬ ತೆಗೆದುಕೊಂಡು ಬಟ್ಟಲಿನ ಮೇಲೆ ಹಿಡಿದೆ.

ಅಷ್ಟರಲ್ಲಿ ಚೋಟಿ ಬ್ಯಾಗನ್ನು ಎಳೆದುಕೊಂಡು ಹೊರಬಾಗಿಲ ಕಡೆ ಹೊರಟಿದ್ದಳು. ಅಡುಗೆಮನೆಯ ಮುಂದೆ ಬಂದವಳು ನಿಂತಳು.

"ಏಯ್! ಹಾಕಬೇಡ! ನಿನಗೇನು ತಲೆ ಕೆಟ್ಟಿದೆಯಾ?"

ಓಡಿ ಬಂದು ನನ್ನ ಮಣಿಕಟ್ಟು ಹಿಡಿದು ಎಳೆದಳು. ಕುದಿಯುವ ನೀರು ನನ್ನ ಕಾಲ ಮೇಲೆ ಬಿತ್ತು. ನಾನು ಕಿರುಚಿದೆ. ಅವಳು ನನಗಿಂತ ಜೋರಾಗಿ ಕಿರುಚಿದಳು. "ಒಂದು ಸಲ ಹಾಳು ಮಾಡಿದ್ದು ಸಾಲದಾ? ನೀರು ಬಿದ್ರೆ ಚಾಕಲೇಟ್ ಕೆಟ್ಟುಹೋಗುತ್ತೆ! ಬಿಸಿನೀರಾದ್ರೂ ಅಷ್ಟೇ, ತಣ್ಣೀರಾದ್ರೂ ಅಷ್ಟೇ!"

"ನಿಮ್ಮತ್ತೆನೇ ಹೇಳಿದ್ದು!"

"ಅತ್ತೆ ಎಲ್ಲರಿಗೂ ಹಾಗೇ ಹೇಳೋದು! ಪಕ್ಕದ ಮನೆಯವರಿಗೂ ಹೇಳಿದ್ಳು, ಮ್ಯೂಸಿಕ್ ಟೀಚರ್‌ಗೂ ಹೇಳಿದ್ಳು. ಅವರೆಲ್ಲ ಮಾಡಿ ಕೆಡಿಸ್ಕೊಂಡು ಬಂದ್ರೆ ನಗ್ತಾಳೆ. ಯಾರಿಗೂ ಬರಬಾರದು ಅವಳ ಥರ. ನೀನು ಕೇಳಿದೆ, ಅವಳು ಹೇಳಿದ್ಳು, ನೀನು ನಂಬಿದೆ! ಪೆದ್ದು!"

ಹೇಳಿ ಮುಗಿಸಿದ ಮೇಲೆ ಅವಳ ಬಾಯಿ ತೆರೆದೇ ಉಳಿಯಿತು. ನೀನು ಅಂದದ್ದು ಅವಳಿಗೂ ಕೇಳಿಸಿತ್ತು, ನನಗೂ ಕೇಳಿಸಿತ್ತು. ಅತ್ತೆಯ ಗುಟ್ಟು ಬಿಟ್ಟುಕೊಟ್ಟದ್ದೂ ಅಷ್ಟರಲ್ಲಿ ಅವಳಿಗೆ ಅರಿವಾಗಿರಬೇಕು, ಕೆನ್ನೆಯೆಲ್ಲ ಕೆಂಪಾಯಿತು. ಈಗ 'ಸಾರಿ' ಅಂದುಬಿಡುತ್ತಾಳೆ, ತಿರುಗಿ 'ನೀವು' ಶುರುವಾಗುತ್ತೆ ಅಂತ ಹೆದರಿದೆ. ಸುಟ್ಟ ಕಾಲಿಗಿಂತ ಆ ಹೆದರಿಕೆಯೇ ಹೆಚ್ಚಾಗಿತ್ತು.

"ಏನು ಹಾಗೆ ನೋಡ್ತೀಯಾ?" ಅಂದಳು. "ಬೆಣ್ಣೆ ಕೊಡು. ಒಂದು ತುಂಡು ಬೆಣ್ಣೆ ಅಷ್ಟೇ ಹಾಕೋದು. ಕಾಲು ನಲ್ಲಿ ಕೆಳಗೆ ಹಿಡಿ, ಹೋಗು, ಇಲ್ಲಿ ನಿಂತ್ಕೊಂಡು ನೀರು ಚೆಲ್ಲಬೇಡ."

ಆಮೇಲೂ ನಾವು ಜಗಳವಾಡುತ್ತಲೇ ಇದ್ದೆವು. ಚಾಕಲೇಟ್ ಸಾಲುವುದಿಲ್ಲ ಅಂತ ಒಂದು ಜಗಳ, ನಾನು ಟ್ರೇ ಓರೆ ಹಿಡಿದೆ ಅಂತ ಇನ್ನೊಂದು, ಫ್ರಿಜ್ಜಿನ ಬಾಗಿಲು ಪದೇ ಪದೇ ತೆಗೆಯುತ್ತೇನೆ ಅಂತ ಮತ್ತೊಂದು. ಬ್ಯಾಗು ಹೊರಬಾಗಿಲ ಹತ್ತಿರವೇ ಬಿದ್ದಿತ್ತು. ನಾನು ಅದರ ಮಾತೆತ್ತಲಿಲ್ಲ, ಅವಳೂ ಎತ್ತಲಿಲ್ಲ. ಆದರೆ ಆ ಕಡೆ ಹೋದಾಗಲೆಲ್ಲ ನಾನು ಅದನ್ನು ಬಳಸಿಕೊಂಡು ನಡೆದೆ.

ಸಂಜೆ ನಾದಿನಿ ಬಂದರು. ಬಾಗಿಲಲ್ಲೇ ಬ್ಯಾಗು ಕಂಡಿತು. ಮುಖ ಅರಳಿತು. "ರೆಡಿಯಾಗೇ ಇದೆಯಲ್ಲ" ಅಂತ ಕೂತು, ತಮ್ಮ ಡಬ್ಬಿಯನ್ನು ಮೇಜಿನ ಮೇಲಿಟ್ಟರು. ನಾನು ಫ್ರಿಜ್ಜಿನಿಂದ ಟ್ರೇ ತಂದು ಅದರ ಪಕ್ಕದಲ್ಲೇ ಇಟ್ಟೆ. ಚಾಕುವನ್ನು ಬಿಸಿನೀರಿನಲ್ಲಿ ಅದ್ದಿ, ಒಣಗುವ ಹಾಗೆ ಒರೆಸಿ, ಒಂದು ತುಂಡು ಕತ್ತರಿಸಿ ತಟ್ಟೆಯಲ್ಲಿ ಕೊಟ್ಟೆ. ತೆಳುವಾಗಿದ್ದರೂ ಚಾಕಲೇಟ್ ಹೊಳೆಯುತ್ತಿತ್ತು.

ಅವರು ಕಚ್ಚಿದರು. ಅಗಿಯುವುದು ನಿಧಾನವಾಯಿತು. "ಯಾರು ಹೇಳಿಕೊಟ್ರು?"

"ನೀವೇ ಅಲ್ವಾ ಅಕ್ಕ?" ಅಂದೆ. "ನಿನ್ನೆ ಫೋನಲ್ಲಿ. ಎರಡು ಚಮಚ ಬಿಸಿನೀರು."

ಅವರು ನನ್ನನ್ನು ಬಿಟ್ಟು ಚೋಟಿಯನ್ನು ನೋಡಿದರು. ಚೋಟಿ ಟ್ರೇಯನ್ನು ನೋಡುತ್ತಿದ್ದಳು. ನಾನು ಇನ್ನೊಂದು ತುಂಡು ಕತ್ತರಿಸಲು ಹೋದೆ.

"ಅಷ್ಟು ದಪ್ಪ ಬೇಡ. ಒಡೆದುಹಾಕ್ತೀಯ ನೀನು, ಕೊಡು ಇಲ್ಲಿ" ಅಂತ ಚೋಟಿ ಚಾಕು ಕಿತ್ತುಕೊಂಡಳು.

"ಯಾರಿಗೆ ಅಂದಿದ್ದು ಅದು?" ನಾದಿನಿಯ ಹಳೆಯ ಹಾಸ್ಟೆಲ್ ದನಿ ಬಂತು.

"ಇವಳಿಗೆ." ಚೋಟಿ ಚಾಕುವಿನ ತುದಿಯಿಂದಲೇ ನನ್ನನ್ನು ತೋರಿಸಿದಳು.

"ದೊಡ್ಡವರಿಗೆ ಏಕವಚನನಾ? ಇಷ್ಟು ದಿನ ಇಲ್ಲಿದ್ದು ಕಲಿತಿದ್ದು ಇದೇನಾ?"

"ನಿನಗೂ ಹಾಗೇ ತಾನೇ ಅನ್ನೋದು, ಅತ್ತೆ?"

ನಾದಿನಿ ಕೇಳಬೇಕಾದ ಪ್ರಶ್ನೆಯನ್ನು ಕೇಳಲೇ ಇಲ್ಲ. ಬಾಗಿಲ ಕಡೆ ಕೈ ತೋರಿಸಿ, "ಮತ್ತೆ ಆ ಬ್ಯಾಗು?" ಅಂದರು.

"ಬಿಚ್ಚಬೇಕು ಇನ್ನೂ" ಅಂದಳು ಚೋಟಿ, ಕತ್ತರಿಸುತ್ತಲೇ.

ನಾದಿನಿ ತಟ್ಟೆಯಲ್ಲಿದ್ದದ್ದನ್ನು ಪೂರ್ತಿ ತಿಂದರು, ಅದನ್ನು ಒಪ್ಪಲೇಬೇಕು. ಎದ್ದು, ತಾವು ತಂದ ಡಬ್ಬಿಯನ್ನು ತೆರೆಯದೆ ಹಾಗೇ ಬಗಲಿಗೆ ಸಿಕ್ಕಿಸಿಕೊಂಡರು. ಕಳಿಸಲು ನಾನು ಕುಂಟುತ್ತಾ ಬಾಗಿಲವರೆಗೆ ಹೋದೆ. ಗೆದ್ದೆ ಅಂತ ಕುಣಿಯಬೇಕಿತ್ತು. ಅವರ ಬಗಲಲ್ಲಿದ್ದ ತುಂಬಿದ ಡಬ್ಬಿ ನೋಡಿ ಕುಣಿಯಲಾಗಲಿಲ್ಲ. ಆ ಹುಡುಗಿಗೆ ಜ್ವರ ಬಂದಾಗಲೆಲ್ಲ ಪಕ್ಕದಲ್ಲಿ ಕೂತವರು ಅವರೇ.

"ಬರ್ತಾ ಇರಿ ಅಕ್ಕ" ಅಂದೆ, ಈ ಸಲ ನಿಜವಾಗಿ.

ಅವರು ಚಪ್ಪಲಿ ಮೆಟ್ಟಿ, ಸೆರಗು ಸರಿ ಮಾಡಿಕೊಂಡು, ನನ್ನ ಮುಖವನ್ನೇ ನೋಡಿ ಹೇಳಿದರು. "ನೀವು ಒಳಗೆ ಹೋಗಿ. ನಿಮಗೆ ಕಾಲು ನೋವಿದೆ."

ಮೆಟ್ಟಿಲು ಇಳಿದು ಹೋದರು. ನಾನು ನಿಂತೇ ಇದ್ದೆ.

"ಏ, ಅಲ್ಲೇನು ಮಾಡ್ತಿದ್ದೀಯಾ?" ಒಳಗಿನಿಂದ ಚೋಟಿ ಕೂಗಿದಳು. "ಬಾಗಿಲು ಹಾಕ್ಕೊಂಡು ಬಾ! ಇಲ್ಲಿ ಎಲ್ಲ ಕರಗ್ತಾ ಇದೆ!"